ರೇಷ್ಮೆಹುಳು ಪಾಸು ಮಾಡಿದ ಕಾರು

ಲೋಕದಲ್ಲಿ ಕಾರು ಕೊಳ್ಳುವವರು ಬಣ್ಣ ನೋಡುತ್ತಾರೆ, ಬಾಗಿಲು ಬಡಿದು ಸದ್ದು ಕೇಳುತ್ತಾರೆ, ತಿಳಿದವರೆಂದು ತೋರಿಸಿಕೊಳ್ಳಬೇಕಾದರೆ ಚಕ್ರಕ್ಕೆ ಒಂದು ಒದೆಯನ್ನೂ ಕೊಡುತ್ತಾರೆ. ನಮ್ಮ ಸೋದರಮಾವನವರು ಕಾರನ್ನು ಮೂಸಿ ನೋಡುತ್ತಾರೆ! ಬಾಗಿಲು ತೆಗೆದು, ತಲೆ ಒಳಗೆ ತೂರಿಸಿ, ಕಣ್ಣು ಮುಚ್ಚಿ, ಸಂತೆಯಲ್ಲಿ ಹಲಸಿನ ಹಣ್ಣು ಆರಿಸುವವರಂತೆ ದೀರ್ಘವಾಗಿ ಉಸಿರೆಳೆದು, "ಬ್ಯಾಡ" ಎಂದು ತಲೆಯನ್ನು ಹೊರಕ್ಕೆ ತೆಗೆಯುತ್ತಾರೆ. ಸ್ವಂತಕ್ಕೆ ಕಾರಿಲ್ಲ, ಓಡಿಸಲು ಬರುವುದಿಲ್ಲ, ಕೊಳ್ಳುವ ಉದ್ದೇಶವಂತೂ ಮೊದಲೇ ಇಲ್ಲ. ಆದರೂ ಮುಳಬಾಗಿಲು ತಾಲ್ಲೂಕಿನಲ್ಲಿ ಅಷ್ಟು ಕಾರುಗಳ ಅಂತರಂಗವನ್ನು ಬಲ್ಲ ಇನ್ನೊಂದು ಮೂಗು ಇರಲಾರದು.

ಈ ಮೂಗಿಗೆ ಕಾರಣ ಅವರ ಕಸುಬು. ಆವನಿಯ ಪಕ್ಕದ ಹಳ್ಳಿಯಲ್ಲಿ ಅವರು ಬುದ್ಧಿ ಬಂದಾಗಿನಿಂದ ರೇಷ್ಮೆ ಸಾಕುತ್ತಿದ್ದಾರೆ. ರೇಷ್ಮೆಹುಳುವಿನಷ್ಟು ಸೂಕ್ಷ್ಮ ಸ್ವಭಾವದ ಪ್ರಾಣಿ ಬೇರೊಂದಿಲ್ಲವಷ್ಟೆ. ಬೀಡಿ ಹೊಗೆ ಆಗದು, ಒಗ್ಗರಣೆ ಘಾಟು ಆಗದು, ಸೆಂಟು, ಪೌಡರು, ಊದುಬತ್ತಿ ಯಾವುದೂ ಆಗದು. ಹೀಗಾಗಿ ಹುಳುಮನೆಯ ಬಾಗಿಲಿಗೆ ಯಾರೇ ಬಂದರೂ ಮಾವ ಮೊದಲು ಮೂಸುತ್ತಾರೆ, ಆಮೇಲೆ ಮಾತಾಡಿಸುತ್ತಾರೆ. ಒಮ್ಮೆ ಮದುವೆಗೆ ಕರೆಯಲು ಬಂದ ನೆಂಟರೊಬ್ಬರನ್ನು ಸೆಂಟು ಬಳಿದುಕೊಂಡ ತಪ್ಪಿಗೆ ಬೀದಿಯಲ್ಲೇ ನಿಲ್ಲಿಸಿ, ಲಗ್ನಪತ್ರಿಕೆಯನ್ನು ಮಾತ್ರ ಒಳಗೆ ಬರಮಾಡಿಕೊಂಡರು. ಅದನ್ನೂ ಮೂಸಿದ ಮೇಲೆ!

ಇಂಥ ಮನುಷ್ಯನಿಗೆ ದೇವರು ಕೊಟ್ಟ ಹೆಂಡತಿಯೋ, ಅಂದರೆ ನಮ್ಮ ಅತ್ತೆಯೋ, ಅವರ ಹುಳುಗಳಿಗಿಂತ ಒಂದು ಕೈ ಮೇಲು. ಅತ್ತೆಗೆ ಕಾರು ಆಗುವುದಿಲ್ಲ. ಹತ್ತಿದ ಮೇಲೆ ಆಗುವುದಿಲ್ಲ ಎಂದಲ್ಲ, ಬಾಗಿಲು ತೆಗೆದ ಕೂಡಲೇ ಆಗುವುದಿಲ್ಲ. ಒಳಗಿನ ಪ್ಲಾಸ್ಟಿಕ್ಕು, ಸೀಟು, ಅಂಟು, ಎಲ್ಲ ಸೇರಿದ ಆ ಹೊಸ ವಾಸನೆ ಮೂಗಿಗೆ ಬಡಿದರೆ ಸಾಕು, ಸೆರಗು ಬಾಯಿಗೆ ಹೋಗುತ್ತದೆ. ಬಸ್ಸಾದರೂ ಅದೇ ಕಥೆ. ಮಗಳ ಮದುವೆಗೆ ಮುಳಬಾಗಿಲಿನ ಛತ್ರಕ್ಕೆ ಅವರು ಬಂದದ್ದು ಟ್ರಾಕ್ಟರಿನಲ್ಲಿ, ರೇಷ್ಮೆ ಸೀರೆ ಉಟ್ಟು, ಬಾಳೆಗೊನೆಗಳ ನಡುವೆ ಕುರ್ಚಿ ಹಾಕಿಕೊಂಡು! ಮದುವೆಯಾದ ಮಗಳು ಮಾಲೂರಿಗೆ ಹೋದಳು. ಅಲ್ಲಿಂದಾಚೆಗೆ ಮಗಳೇ ಬಂದು ನೋಡಿಕೊಂಡು ಹೋಗುತ್ತಿದ್ದಳೇ ಹೊರತು, ಮಗಳು ಬಾಳುವ ಮನೆ ಹೇಗಿದೆ ಎಂದು ತಾಯಿ ಕಣ್ಣಾರೆ ಕಂಡಿರಲಿಲ್ಲ.

ಈಗ ಆ ಮಗಳು ಸ್ವಂತ ಮನೆ ಕಟ್ಟಿಸಿ, ಗೃಹಪ್ರವೇಶಕ್ಕೆ ದಿನ ಗೊತ್ತುಮಾಡಿ ಫೋನು ಮಾಡಿದಳು. "ಅಮ್ಮ, ನೀನೇ ಬಂದು ಹಾಲು ಉಕ್ಕಿಸ್ಬೇಕು. ಇನ್ಯಾರ ಕೈಲೂ ಮಾಡ್ಸಲ್ಲ ನಾನು."

ಅತ್ತೆ "ಆಗ್ಲಮ್ಮ" ಎಂದು ಫೋನು ಇಟ್ಟು, ಒಲೆಯ ಮುಂದೆ ಕುಳಿತು ಅತ್ತರು. ಕೊನೆಗೆ ಕಣ್ಣೊರೆಸಿಕೊಂಡು ಒಂದು ದಾರಿ ಸೂಚಿಸಿದರು: "ಟ್ರಾಕ್ಟರಲ್ಲೇ ಹೋಗೋಣ ಬಿಡಿ."

"ಟ್ರಾಕ್ಟರಲ್ಲಿ ಮಾಲೂರು ಸೇರೋ ಹೊತ್ಗೆ ಆ ಹಾಲು ಮೊಸರಾಗಿರ್ತದೆ ಕಣೇ," ಎಂದರು ಮಾವ. ಆಮೇಲೆ ಜಗಲಿಯಲ್ಲಿ ಕುಳಿತಿದ್ದ ನನ್ನ ಕಡೆ ತಿರುಗಿದರು. ನನ್ನ ಗ್ರಹಚಾರ, ನಾನು ಅದೇ ತಿಂಗಳು ಕಾರು ಕೊಳ್ಳುವವನಿದ್ದೆ!

ನಿವೃತ್ತಿಗೆ ಹತ್ತಿರವಾದ ಶಾಲಾಮಾಸ್ತರನೊಬ್ಬ ಬ್ಯಾಟರಿ ಕಾರು ಕೊಳ್ಳುವುದು ಕಾಲದ ಮಹಿಮೆ. ಹುಳುಮನೆಯ ಹತ್ತಿರ ಹೊಗೆ ಉಗುಳುವ ವಾಹನಕ್ಕೆ ಪ್ರವೇಶವಿಲ್ಲದ್ದರಿಂದ ಮಾವನಿಗೂ ಅದು ಒಪ್ಪಿಗೆಯಾಯಿತು. ಕೋಲಾರದ ಶೋರೂಮಿಗೆ ಜೊತೆಯಲ್ಲೇ ಬಂದರು. ಟೈ ಕಟ್ಟಿಕೊಂಡಿದ್ದ ಹುಡುಗ ವಿನಯದಿಂದ ಶುರುಮಾಡಿದ.

"ಸಾರ್, ಪೂರ್ತಿ ಪರಿಸರಸ್ನೇಹಿ ಕಾರು. ಸೀಟಿನ ಬಟ್ಟೆ ನೋಡಿ, ಜನ ಎಸೆದ ನೀರಿನ ಬಾಟಲಿ ಕರಗಿಸಿ ಮಾಡಿರೋದು."

ಮಾವ ಸೀಟಿನಿಂದ ಮೂಗು ಎತ್ತಿದರು. "ಕುಡಿದು ಎಸೆದಿದ್ದಾ?"

"ಹೌದು ಸಾರ್."

"ಕಚ್ಚಿ ಕುಡಿದಿದ್ದಾ, ಎತ್ತಿ ಕುಡಿದಿದ್ದಾ?"

ಪಾಪ, ಹುಡುಗನಿಗೆ ಕಂಪನಿಯವರು ಈ ಪ್ರಶ್ನೆಗೆ ತರಬೇತಿ ಕೊಟ್ಟಿರಲಿಲ್ಲ. ಅವನು ಕೈಯಲ್ಲಿದ್ದ ಬಣ್ಣದ ಹಾಳೆಯ ಹಿಂದೆ ಮುಂದೆ ಹುಡುಕಾಡಿದ. ಮಾವ ನನ್ನ ಕಿವಿಯ ಹತ್ತಿರ ಬಂದು, ಇಡೀ ಶೋರೂಮಿಗೆ ಕೇಳುವಂತೆ ಪಿಸುಗುಟ್ಟಿದರು: "ಲೇ, ಊರೋರ ಎಂಜಲ ಮೇಲೆ ಕೂತ್ಕಂಡು ಓಡಾಡ್ತೀಯೇನ್ಲಾ ನೀನು?"

ಆದರೂ ಕೊಂಡೆ. ಕುರುಡುಮಲೆ ಗಣಪನ ಮುಂದೆ ಪೂಜೆಗೆ ನಿಲ್ಲಿಸಿದರೆ, ಮಾವ ಅರ್ಚಕರ ಕೈಯಿಂದ ಊದುಬತ್ತಿ ಕಿತ್ತುಕೊಂಡು, "ದೇವರಿಗೆ ಹಚ್ಚಿ ಸ್ವಾಮೀ, ಕಾರಿಗೆ ಬ್ಯಾಡ. ವಾಸನೆ ಒಳಗೆ ಕೂತ್ಕಂಡ್ರೆ ನಮ್ಮೋಳು ಹತ್ತಲ್ಲ," ಎಂದರು. ನೇರ ಹಳ್ಳಿಗೆ ಹೋಗಿ ಅತ್ತೆಯ ಮುಂದೆ ಕಾರು ನಿಲ್ಲಿಸಿ ಬಾಗಿಲು ತೆಗೆದೆವು. ಅತ್ತೆ ಒಂದು ಹೆಜ್ಜೆ ಹತ್ತಿರ ಬಂದರು. ಮರುಕ್ಷಣವೇ ಹೊಂಗೆಮರದ ಹಿಂದಕ್ಕೆ ಓಡಿದರು. ಪರಿಸರಕ್ಕೆ ಸ್ನೇಹಿಯಾಗಿದ್ದ ಕಾರು ಅತ್ತೆಗೆ ಆಗಲಿಲ್ಲ.

ಇಲ್ಲಿಗೇ ಮುಗಿದಿದ್ದರೆ ನಾನು ಸುಖಿ. ಆದರೆ ಮಾಲೂರಿನ ಅಳಿಯ ಕೆಲಸ ಮಾಡುವುದು ಕಾರಿನ ಬಾಗಿಲಿನ ಒಳಹೊದಿಕೆ ತಯಾರಿಸುವ ಕಾರ್ಖಾನೆಯಲ್ಲಿ. ಮನೆಯವರಿಗೆಲ್ಲ ಕಾರ್ಖಾನೆ ತೋರಿಸುವ ದಿನವೊಂದು ಬಂತು. ಅಳಿಯ ಬಾಯಿತಪ್ಪಿ ಮಾವನನ್ನು ಕರೆದ. ಮಾವ ಬಾಯಿತಪ್ಪದೆ ನನ್ನನ್ನು ಕರೆದರು. ಅಲ್ಲಿನ ಮ್ಯಾನೇಜರು ಒಂದು ಕಂದುಬಣ್ಣದ ಹಲಗೆಯಂಥದ್ದನ್ನು ತೋರಿಸುತ್ತ ಹೇಳಿದರು:

"ಈಗ ಎಲ್ಲಾ ಕಂಪನಿಯೋರೂ ಇದೇ ದಾರಿ ಹಿಡಿದಿದ್ದಾರೆ. ಪ್ಲಾಸ್ಟಿಕ್ ಕಮ್ಮಿ ಮಾಡಿ ಗಿಡದ ನಾರು ಬೆರೆಸೋದು. ಕಾರು ಹಗುರ ಆಗುತ್ತೆ, ಹಳೇದಾದ್ಮೇಲೆ ಪುಡಿಮಾಡಿ ಮತ್ತೆ ಬಳಸಬಹುದು."

"ಯಾವ ಗಿಡದ್ದು?"

"ಸೆಣಬು ಸಾರ್, ಅಗಸೆ, ಅಂಥವು."

"ಹಿಪ್ಪುನೇರಳೆ ಯಾಕಾಗಲ್ಲ? ಸೊಪ್ಪು ಹುಳ ತಿಂತದೆ, ಕಡ್ಡಿ ನಮ್ಮಲ್ಲಿ ರಾಶಿ ಬಿದ್ದೈತೆ."

"ಸ್ಯಾಂಪಲ್ ಕಳಿಸಿ ಸಾರ್, ನೋಡೋಣ."

"ನೋಡೋಣ" ಎಂದರೇನೆಂದು ಕನ್ನಡ ನಾಡಿನಲ್ಲಿ ಹುಟ್ಟಿದ ಕೂಸಿಗೂ ಗೊತ್ತು. ಗೊತ್ತಿಲ್ಲದ ಒಬ್ಬರೇ ಒಬ್ಬರು ನಮ್ಮ ಪಾಲಿಗೆ ಬಂದಿದ್ದರು. ಸಾಲದ್ದಕ್ಕೆ ಅಳಿಯ ಇನ್ನೊಂದು ಮಾತು ಸೇರಿಸಿದ. "ಕಾರೊಳಗಿನ ವಾಸನೆ ಕಮ್ಮಿ ಮಾಡ್ಬೇಕು ಅಂತ ಈಗ ಭಾಳ ತಲೆ ಕೆಡಿಸ್ಕೊಂಡಿದ್ದಾರೆ ಮಾವ. ಮೂಸಿ ನೋಡಿ ಮಾರ್ಕ್ಸ್ ಕೊಡೋಕೇ ಜನ ಇದ್ದಾರೆ."

ಮಾವ ನಿಂತಲ್ಲೇ ನಿಂತರು. "ಸಂಬಳ ಕೊಟ್ಟಾ?"

"ಹೂಂ ಮಾವ."

ಇಡೀ ಆಯುಸ್ಸು ಬಿಟ್ಟಿ ಮೂಸಿ ಕಳೆದವರ ಸಂಕಟ ಆ ಮುಖದಲ್ಲಿ ಒಂದು ಗಳಿಗೆ ಸುಳಿಯಿತು. ಆಮೇಲೆ ಗಂಭೀರವಾಗಿ ನುಡಿದರು: "ಮನುಷ್ಯರ ಮೂಗು ನೆಚ್ಕೋಬಾರದು ಅಳಿಯಂದಿರೇ. ಸಂಬಳ ಕೊಡೋರ ಕಡೆಗೆ ವಾಲ್ಕಂತದೆ."

ಮುಂದಿನ ಭಾನುವಾರ "ಒಂದೆರಡು ದಿನ ಕಾರು ಇಲ್ಲೇ ಇರ್ಲಿ" ಎಂದರು. ಬಿಟ್ಟುಬಂದೆ. ವಾರ ಕಳೆದು ಹೋಗಿ ನೋಡಿದರೆ ನನ್ನ ಕಾರಿನ ಹಿಂಬಾಗಿಲೊಂದರ ಒಳಹೊದಿಕೆ ಕಾಣೆ! ಅದು ಅಟ್ಟದ ಮೇಲೆ ಹುಣಸೆಹಣ್ಣಿನ ಪಕ್ಕದಲ್ಲಿ ವಿಶ್ರಾಂತಿ ಪಡೆಯುತ್ತಿತ್ತು. ಅದರ ಜಾಗದಲ್ಲಿ ಮಾವ ಸ್ವಹಸ್ತದಿಂದ ತಯಾರಿಸಿದ್ದು ಕುಳಿತಿತ್ತು. ಹಿಪ್ಪುನೇರಳೆ ಕಡ್ಡಿಯ ತೊಗಟೆಯನ್ನು ನೀರೊಲೆಯ ಹಂಡೆಯಲ್ಲಿ ಬೇಯಿಸಿ, ಜಜ್ಜಿ, ಹುಣಸೆಬೀಜದ ಅಂಟು ಮತ್ತು ರಾಗಿಗಂಜಿ ಬೆರೆಸಿ, ರುಬ್ಬುಗುಂಡನ್ನು ಹೇರಿ ಒಣಗಿಸಿದ ದಿವ್ಯ ವಸ್ತು. ನೋಡಲು ದೊಡ್ಡದೊಂದು ರಾಗಿ ಹಪ್ಪಳದಂತಿತ್ತು.

"ಮೂಸಿ ನೋಡು," ಎಂದರು.

ಮೂಸಿದೆ. ಸತ್ಯ ಹೇಳಬೇಕೆಂದರೆ ಊಟದ ಹೊತ್ತಾಗಿದ್ದರಿಂದ ಹಸಿವಾಯಿತು.

ಹಸಿವಾದದ್ದು ನನಗೊಬ್ಬನಿಗೇ ಅಲ್ಲ. ನಾವು ಜಗಲಿಯಲ್ಲಿ ಕಾಫಿ ಕುಡಿಯುತ್ತಿದ್ದಾಗ ಹಗ್ಗ ಬಿಚ್ಚಿಕೊಂಡ ಸೀಮೆಹಸು ತೆರೆದಿದ್ದ ಬಾಗಿಲಿಗೆ ಮುಖವಿಟ್ಟು, ನಿಧಾನವಾಗಿ, ಕಣ್ಣು ಅರೆಮುಚ್ಚಿ, ನನ್ನ ಕಾರನ್ನು ತಿನ್ನುತ್ತಿತ್ತು! ನಾನು ಲೋಟ ಬಿಸಾಡಿ ಓಡಿದೆ. ಮಾವ ಹಿಂದಿನಿಂದ ಕೂಗುತ್ತಿದ್ದುದು ಹಸುವನ್ನು ಗದರಲು ಅಲ್ಲ, ನನ್ನನ್ನು ತಡೆಯಲು.

"ಬಿಡ್ಲಾ, ಬಿಡು, ತಿನ್ಲಿ! ಹಸು ತಿನ್ನೋ ಬಾಗಿಲು ಯಾವ ಕಂಪನಿ ಮಾಡೈತೆ ಹೇಳು? ಹಳೇದಾದ್ರೆ ಗುಜರಿಗೆ ಹಾಕೋ ಗೋಜೇ ಇಲ್ಲ!"

ಕಳಿಸಬೇಕಾಗಿದ್ದ ಸ್ಯಾಂಪಲ್ಲೂ ಅದೇ ಆಗಿದ್ದರಿಂದ, ಕಾರು ತಯಾರಿಕೆಯ ಚರಿತ್ರೆಯ ಒಂದು ಅಧ್ಯಾಯ ಆ ಸಂಜೆ ಮೆಲುಕಿನೊಂದಿಗೆ ಮುಗಿಯಿತು. ಅಟ್ಟದಿಂದ ನನ್ನ ಹೊದಿಕೆ ಇಳಿಸಿ ತಿರುಗಿ ಕೂರಿಸಿದೆವು.

ಗೃಹಪ್ರವೇಶ ಹತ್ತಿರವಾಗುತ್ತಿತ್ತು. ಮಗಳು ದಿನ ಬಿಟ್ಟು ದಿನ ಫೋನು ಮಾಡಿ "ಅಮ್ಮ ಬರ್ತಾಳಾ?" ಎನ್ನುತ್ತಿದ್ದಳು. ಮಾವ "ಬರ್ತಾಳೆ" ಎನ್ನುತ್ತಿದ್ದರು. ಅತ್ತೆ ಎದ್ದು ಹುಳುಗಳಿಗೆ ಸೊಪ್ಪು ಹಾಕಲು ಹೋಗುತ್ತಿದ್ದರು. ಆಗ ಮಾವನಿಗೆ ಕೊನೆಯ ಯೋಚನೆ ಹೊಳೆಯಿತು. ಮನುಷ್ಯರ ಮೂಗು ಸುಳ್ಳು ಹೇಳಬಹುದು, ಹುಳು ಹೇಳುತ್ತದೆಯೇ? ನನ್ನ ಕಾರಿನ ಹಿಂದಿನ ಸೀಟಿನ ಮೇಲೆ ಒಂದು ತಟ್ಟೆ ರೇಷ್ಮೆಹುಳು ಸಾಕುವುದು! ಅವು ಸೊಪ್ಪು ತಿಂದು, ಬೆಳೆದು, ಗೂಡು ಕಟ್ಟಿದರೆ ಕಾರು ಪಾಸು. ಸತ್ತರೆ ಫೇಲು.

"ಮಾವ, ಇದು ನನ್ನ ಕಾರು," ಎಂದೆ.

"ಅಲ್ಲಾಂತ ಯಾರಂದ್ರು? ನಿನ್ನ ಕಾರೇ, ನನ್ನ ಹುಳ," ಎಂದರು.

ಹೊಂಗೆಯ ನೆರಳಿಗೆ ಕಾರು ತಳ್ಳಿಸಿದರು. ಗಾಜುಗಳನ್ನೆಲ್ಲ ಇಳಿಸಿ, ಕಿಟಕಿಗಳಿಗೆ ಒದ್ದೆ ಗೋಣಿಚೀಲ ಕಟ್ಟಿದರು. ಹೊತ್ತುಹೊತ್ತಿಗೆ ಸೊಪ್ಪು ಹಾಕಿದರು. ನಾನು ಕಾರಿನ ಬೀಗದ ಕೈ ಜೇಬಿನಲ್ಲಿಟ್ಟುಕೊಂಡು ಬಸ್ಸಿನಲ್ಲಿ ನಿಂತು ಶಾಲೆಗೆ ಹೋಗತೊಡಗಿದೆ. ಒಮ್ಮೆ ಅರ್ಜೆಂಟು ಕೆಲಸವಿದ್ದು ಕಾರು ಕೇಳಲು ಹೋದರೆ ಮಾವ ತುಟಿಯ ಮೇಲೆ ಬೆರಳಿಟ್ಟರು. "ಶ್! ಹುಳ ಜ್ವರಕ್ಕೆ ಕೂತವೆ." ಹುಳುಗಳು ಪೊರೆ ಬಿಡುವ ಮುನ್ನ ತಿನ್ನುವುದು ನಿಲ್ಲಿಸಿ ಅಲುಗಾಡದೆ ಕೂರುವುದಕ್ಕೆ ನಮ್ಮ ಕಡೆ ಜ್ವರ ಎನ್ನುತ್ತಾರೆ. ಆಗ ಅವನ್ನು ಕದಲಿಸಬಾರದು. ಹೆಡ್‌ಮಾಸ್ತರಿಗೆ ನಾನು ತಡವಾದ ಕಾರಣ ಹೇಳಿದೆ: "ಸಾರ್, ಕಾರಿನೊಳಗಿರೋರಿಗೆ ಜ್ವರ." ಅವರು "ಹುಷಾರಾಗಿ ನೋಡ್ಕೊಳ್ಳಿ" ಎಂದು ಮರುಕಪಟ್ಟರು.

ಅಳಿಯ ಫೋನಿನಲ್ಲಿ ಎಲ್ಲ ಕೇಳಿ, "ಮಾವ, ಇಷ್ಟು ದಿನ ಗಾಜು ಇಳಿಸಿ ಬಿಟ್ರೆ ವಾಸನೆ ತಾನಾಗೇ ಹೋಗಿರುತ್ತೆ. ಹುಳ ಯಾಕೆ ಬೇಕಿತ್ತು?" ಎಂದ.

"ಹೋಗೈತೆ ಅಂತ ನಿಮಗೆ ಹೇಳೋರ್ಯಾರು?" ಎಂದರು ಮಾವ.

ಹುಳುಗಳು ಹಣ್ಣಾದವು, ಅಂದರೆ ಗೂಡು ಕಟ್ಟುವ ಹದಕ್ಕೆ ಬಂದವು. ಅವು ಗೂಡು ಕಟ್ಟುವ ಬಿದಿರಿನ ತಟ್ಟಿಗೆ, ಅಂದರೆ ಚಂದ್ರಿಕೆಗೆ, ಎತ್ತಿ ಹಾಕಿದರೆ ಒಂದು ಮಾತ್ರ ಬಿದಿರಿನ ಸಹವಾಸವೇ ಬೇಡವೆಂದು ನನ್ನ ಸೀಟ್‌ಬೆಲ್ಟಿನ ಬಕಲಿನ ಪಕ್ಕದಲ್ಲಿ ಗೂಡು ಕಟ್ಟಿಕೊಂಡಿತು. ಮಾವ ಅದನ್ನು ಬೆರಳಿನಿಂದ ಮೆಲ್ಲಗೆ ಒತ್ತಿ ನೋಡಿ, "ಗಟ್ಟಿ ಗೂಡು. ಫಸ್ಟ್ ಕ್ಲಾಸು," ಎಂದರು. ಒಳಗೆ ಹೋಗಿ ಅತ್ತೆಗೆ ಹೇಳಿದರು. "ಏಯ್, ಪಾಸಾಯ್ತು ಕಣೇ! ಸೀರೆ ತೆಗೆದಿಟ್ಕೊ."

ಗೃಹಪ್ರವೇಶದ ದಿನ ಹೊತ್ತು ಹುಟ್ಟುವ ಮುಂಚೆಯೇ ಹೊರಟೆವು. ನನಗೆ ತಲೆಗೆ ಎಣ್ಣೆ ನಿಷಿದ್ಧ, ಕಾರಿಗೆ ಎಸಿ ನಿಷಿದ್ಧ, ಅತ್ತೆಗೆ ಮಲ್ಲಿಗೆ ಹೂವು ನಿಷಿದ್ಧ. ಹಿಂದಿನ ಸೀಟಿನಲ್ಲಿ ಅತ್ತೆ, ಮುಂದೆ ನನ್ನ ಪಕ್ಕದಲ್ಲಿ ಮಾವ. ಅತ್ತೆ ಕಣ್ಣು ಮುಚ್ಚಿ ಕುಳಿತವರು ಮುಳಬಾಗಿಲು ಬಂದರೂ ತೆಗೆಯಲಿಲ್ಲ, ಕೋಲಾರ ದಾಟಿದರೂ ತೆಗೆಯಲಿಲ್ಲ. ಮಾವ ದಾರಿಯುದ್ದಕ್ಕೂ ನನ್ನ ಭುಜ ತಟ್ಟಿ ತಟ್ಟಿ, "ನೋಡ್ದಾ? ಹೆಂಗೆ ನಿದ್ದೆ ಹೋಗವ್ಳೆ ನೋಡು!" ಎನ್ನುತ್ತಿದ್ದರು. ನಾನೂ ಕನ್ನಡಿಯಲ್ಲಿ ನೋಡಿ ಬೆರಗಾದೆ. ಇಷ್ಟು ದಿನ ಬಸ್ಸಿನಲ್ಲಿ ನೇತಾಡಿದ್ದು ಸಾರ್ಥಕವೆನಿಸಿತು.

ಮಾಲೂರು ಬಂತು. ಮಗಳು ಓಡಿಬಂದು ತಾಯಿಯನ್ನು ಅಪ್ಪಿಕೊಂಡು ಅಳಲು ಶುರುಮಾಡಿದಳು. ಮಾವ ಇಳಿದವರೇ ನಡುಮನೆಯಲ್ಲಿ ನೆರೆದಿದ್ದ ಬೀಗರ ನಡುವೆ ಕುಳಿತು, ಕಾರು ಕಂಪನಿಗಳು ಇನ್ನು ಮುಂದೆ ಏನು ಮಾಡಬೇಕೆಂಬ ಉಪನ್ಯಾಸಕ್ಕೆ ಪೀಠಿಕೆ ಹಾಕಿದರು. ನಾನು ಕೈಕಾಲು ತೊಳೆಯಲು ಮನೆಯ ಹಿಂದಕ್ಕೆ ಹೋದೆ.

ಅಲ್ಲಿ, ಮಿಕ್ಕ ಮರಳಿನ ಗುಡ್ಡೆಯ ಮರೆಯಲ್ಲಿ, ಗೋಡೆಗೆ ಒಂದು ಕೈ ಊರಿ, ಇನ್ನೊಂದು ಕೈಯಲ್ಲಿ ಹೊಸ ಸೀರೆಯ ಸೆರಗು ಹಿಡಿದುಕೊಂಡು ಅತ್ತೆ ವಾಂತಿ ಮಾಡುತ್ತಿದ್ದರು. ಸದ್ದು ಬಾರದ ಹಾಗೆ.

ನಾನು ನಲ್ಲಿ ತಿರುಗಿಸಿ ಚೊಂಬಿನಲ್ಲಿ ನೀರು ಕೊಟ್ಟೆ. ಬಾಯಿ ಮುಕ್ಕಳಿಸಿ, ಮುಖಕ್ಕೆ ನೀರು ಎರಚಿಕೊಂಡರು.

"ಯಾವಾಗಿಂದ ತಡ್ಕೊಂಡಿದ್ರಿ ಅತ್ತೆ?"

"ನಮ್ಮೂರ ಕೆರೆ ಕಟ್ಟೆ ದಾಟಿದಾಗಿಂದ." ಒಂದು ಕ್ಷಣ ಉಸಿರು ತೆಗೆದುಕೊಂಡರು. "ಅವರಿಗೆ ಹೇಳ್ಬೇಡ ಕಣಪ್ಪ. ಪಾಪ, ಎಷ್ಟು ಒದ್ದಾಡವ್ರೆ."

ಮುಖ ಒರೆಸಿಕೊಂಡು ಒಳಗೆ ಹೋದರು. ಹಾಲು ಉಕ್ಕಿಸಿದರು. ಬೀಗರ ನಡುವಿನಿಂದ ಮಾವ ಕೂಗಿ ಕೇಳಿದರು: "ಏಯ್, ಹೇಳೇ ಇವರಿಗೆ! ದಾರೀಲಿ ಏನಾದ್ರೂ ಆಯ್ತಾ?"

"ಎಲ್ಲಿ, ಕಾರು ಹತ್ತಿದ್ದೇ ಗೊತ್ತಾಗ್ಲಿಲ್ಲ," ಎಂದರು ಅತ್ತೆ. ಆಮೇಲೆ ಮಗಳ ಕೈ ಹಿಡಿದುಕೊಂಡು ಕೋಣೆಯಿಂದ ಕೋಣೆಗೆ ಹೋಗಿ ಗೋಡೆಗಳನ್ನು ಮುಟ್ಟಿ ಮುಟ್ಟಿ ನೋಡಿದರು.

ಸಂಜೆ ನಾನು ಉಪಾಯವಾಗಿ, "ಅತ್ತೆ ಇಲ್ಲೇ ನಾಲ್ಕು ದಿನ ಇರ್ಲಿ ಬಿಡಿ ಮಾವ," ಎಂದೆ.

"ಯಾಕೆ? ಈಗ ಕಾರೇ ಸರಿಹೋಯ್ತಲ್ಲ. ಯಾವಾಗ ಬೇಕಾದ್ರೂ ಬಂದು ಹೋಗ್ಬೋದು. ಹುಳಕ್ಕೆ ಸೊಪ್ಪು ಹಾಕೋರ್ಯಾರು?" ಎಂದರು ಮಾವ. ನಾನು ಬಾಯಿ ತೆರೆಯುವಷ್ಟರಲ್ಲಿ ಅತ್ತೆ ತಾವೇ ಹೋಗಿ ಬಾಗಿಲು ತೆಗೆದು, ಒಳಗೆ ಕುಳಿತು, ಕಣ್ಣು ಮುಚ್ಚಿಕೊಂಡಿದ್ದರು.

ನಾನು ಕಾರು ಹೊರಡಿಸಿದೆ. ಹಳ್ಳ ಕಂಡಲ್ಲಿ ನಿಲ್ಲಿಸಿ ದಾಟಿಸಿದೆ, ತಿರುವು ಬಂದಲ್ಲಿ ತೊಟ್ಟಿಲು ತೂಗುವಂತೆ ತಿರುಗಿಸಿದೆ. ಒಬ್ಬ ಸೈಕಲ್ಲಿನವನು ಗಂಟೆ ಬಾರಿಸಿ ನಮ್ಮನ್ನು ಹಿಂದಕ್ಕೆ ಹಾಕಿ ಹೋದ. ಮಾವನ ತಾಳ್ಮೆ ಹಾರಿಹೋಯಿತು.

"ಏನ್ಲಾ ಇದು, ಎತ್ತಿನ ಗಾಡಿ ಓಡಿಸ್ದಂಗೆ? ಇಂಥಾ ಕಾರಿಟ್ಕಂಡು ಹಿಂಗೇನ್ಲಾ ಹೋಗೋದು? ಜೋರಾಗಿ ಬಿಡು!"

"ಆಗ್ಲಿ ಮಾವ," ಎಂದು ನಾನು ಇನ್ನೂ ನಿಧಾನ ಮಾಡಿದೆ.