ಕರಡಿಯ ಮೇಲೊಂದು ಎಮ್ಮೆ

ಐದು ವರ್ಷದ ಅರ್ಚನಾ ಬೆಳಬೆಳಿಗ್ಗೆ ಕೆಂಪು ಚೆಂಡೊಂದನ್ನು ಎದೆಗವಚಿಕೊಂಡು ಊರಾಚೆಯ ಗುಡ್ಡದ ಬುಡಕ್ಕೆ ಹೋಗಿ, "ಕರಡಿ ಮಾಮಾ, ಆಡಾಕ ಬಾ" ಎಂದು ಕೂಗಿದಳು. ಶ್ರೀನಾಥನ ಆ ದಿನದ ಗ್ರಹಚಾರ ಶುರುವಾದದ್ದು ಅಲ್ಲಿಂದ.

ಬೇರೆ ಸೀಮೆಯಲ್ಲಾಗಿದ್ದರೆ ಇದನ್ನು ಮುದ್ದು ಎನ್ನುತ್ತಿದ್ದರು. ಆದರೆ ಈ ಊರು ಬಂಡೆಕಟ್ಟೆ, ಕರಡಿಧಾಮವಿರುವ ಗುಡೇಕೋಟೆ ಸೀಮೆಯದು. ಇಲ್ಲಿ ಕರಡಿಯನ್ನು ಕರೆದರೆ ಕರಡಿ ಬರುತ್ತದೆ. ಕರೆಯದಿದ್ದರೂ ಬರುತ್ತದೆ. ಶೇಂಗಾ ಹೊಲಕ್ಕೆ ಬರುತ್ತದೆ, ಸೀತಾಫಲದ ಗಿಡಕ್ಕೆ ಬರುತ್ತದೆ, ಹೋದ ವರ್ಷ ಗುಡಿಯ ಬಾಗಿಲು ಮುರಿದು ದೀಪದೆಣ್ಣೆ ಕುಡಿದು ಹೋಗಿತ್ತು.

ಅರ್ಚನಾಳ ಅಜ್ಜಿ ಪಂಪಮ್ಮ ಮೊಮ್ಮಗಳನ್ನು ಕಂಕುಳಿಗೆ ಸಿಕ್ಕಿಸಿಕೊಂಡು ಓಡಿ ಬಂದವಳು ಮನೆಗೆ ಹೋಗಲಿಲ್ಲ. ನೆಟ್ಟಗೆ ಗ್ರಾಮ ಪಂಚಾಯಿತಿಯ ಗ್ರಂಥಾಲಯಕ್ಕೆ ಬಂದಳು.

"ಎಲ್ಲಿ ಅದಾನ ಆ ಶ್ರೀನಾಥ? ಮಕ್ಕಳಿಗೆ ಅಕ್ಷರ ಕಲಿಸು ಅಂದ್ರ ಕರಡಿ ಜತಿಗೆ ಆಡಾಕ ಕಲಿಸ್ಯಾನ!"

ಶ್ರೀನಾಥ ಆ ಗ್ರಂಥಾಲಯದ ಮೇಲ್ವಿಚಾರಕ. ಒಳ್ಳೆಯವನು, ಅದೇ ಅವನ ರೋಗ. ಯಾರು ಏನು ಕೇಳಿದರೂ "ಆಗಲ್ಲ" ಎನ್ನುವ ಮಾತು ಅವನ ಗಂಟಲಿನ ತನಕ ಬಂದು ಅಲ್ಲಿಂದಲೇ ವಾಪಸು ಹೋಗುತ್ತಿತ್ತು. ಪಂಚಮಿ ಹಬ್ಬಕ್ಕೆಂದು ಹರಪನಹಳ್ಳಿಯ ತವರಿಗೆ ಹೋದ ಹೆಂಡತಿ ಭಾಗ್ಯಳನ್ನು ಕರೆತರಲು ಅವನು ಈಗಾಗಲೇ ಎರಡು ಮೂರು ಸಲ ಹೊರಟಿದ್ದ. ಪ್ರತಿ ಸಲವೂ ಊರಿನವರು ಯಾರಾದರೂ ಅರ್ಜಿ ಬರೆಸಲು, ಇಲ್ಲವೇ ಆಧಾರ್ ಸರಿಮಾಡಿಸಲು ಬಂದು ಕೂತಿದ್ದರು. ಬಸ್ಸು ಹೋಗಿತ್ತು.

ನಿನ್ನೆ ಭಾಗ್ಯ ಫೋನಿನಲ್ಲಿ ಕೂಗಾಡಲಿಲ್ಲ. ಮೆಲ್ಲಗೆ ಹೇಳಿದಳು: "ಊರಿಗೆ ಉಪಕಾರಿ, ಮನಿಗೆ ಮಾರಿ ಅಂತಾರಲ್ಲ, ಅದು ನೀವಾ ನೋಡ್ರಿ. ನಾಳೆ ಸಂಜಿ ಬಸ್ಸಿಗೆ ಬಂದ್ರ ಬಂದ್ರಿ. ಇಲ್ಲಾಂದ್ರ ಮುಂದ ಬರಬ್ಯಾಡ್ರಿ, ನಾನೂ ಬರಂಗಿಲ್ಲ."

ಮೆಲ್ಲಗೆ ಹೇಳಿದ್ದರಿಂದಲೇ ಶ್ರೀನಾಥನಿಗೆ ಹೆದರಿಕೆಯಾಗಿತ್ತು. ಒಬ್ಬನೇ ಉಂಡು ಉಂಡು ಅವನಿಗೆ ಅನ್ನ ಸೇರುತ್ತಿರಲಿಲ್ಲ. ಇವತ್ತು ಇಸ್ತ್ರಿ ಮಾಡಿದ ಅಂಗಿಯನ್ನು ಕೈಚೀಲಕ್ಕೆ ಹಾಕಿ, ಚೀಲವನ್ನು ಗ್ರಂಥಾಲಯದ ಬಾಗಿಲ ಹಿಂದೆಯೇ ತೂಗುಹಾಕಿದ್ದ. ಹೊಸಪೇಟೆಯಿಂದ ಶಿವಗಂಗಾ ಮೇಡಂ ಎಂಬ ಅಧಿಕಾರಿ ಮಧ್ಯಾಹ್ನ ಬಂದು, ಹೊಸ ಚಿತ್ರಪುಸ್ತಕವನ್ನು ಮಕ್ಕಳು ಹೇಗೆ ಓದುತ್ತಾರೆಂದು ನೋಡಿ ಹೋದರೆ ಆಯಿತು. ರಜೆಗೆ ಅವರು ಹೂಂ ಅಂದಿದ್ದರು. ಸಂಜೆಯ ಬಸ್ಸು ಗ್ರಂಥಾಲಯದ ಮುಂದೆಯೇ ಹಾದು ಕೂಡ್ಲಿಗಿ, ಕೊಟ್ಟೂರಿನ ಮೇಲೆ ಹರಪನಹಳ್ಳಿಗೆ ಹೋಗುತ್ತಿತ್ತು.

ಆ ಪುಸ್ತಕದ್ದೇ ಈಗ ರಗಳೆ. ಅದರಲ್ಲಿ ಕರಡಿಮರಿಗೊಂದು ಕೆಂಪು ಚೆಂಡು ಸಿಗುತ್ತದೆ. ಹುಂಜ ಕೇಳಿದರೂ ಕೊಡುವುದಿಲ್ಲ, ಕುರಿಮರಿ ಕೇಳಿದರೂ ಕೊಡುವುದಿಲ್ಲ, ತೋಳ ಕೇಳಿದರೂ ಕೊಡುವುದಿಲ್ಲ. ತಾನೊಂದೇ ಆಡಿ ಆಡಿ ಬೇಸರ ಬಂದು ಕೊನೆಗೆ ಎಲ್ಲರನ್ನೂ ಕರೆಯುತ್ತದೆ, ಎಲ್ಲವೂ ಕೂಡಿ ಆಡುತ್ತವೆ. ನಿನ್ನೆ ಶ್ರೀನಾಥ ಇದನ್ನು ಕುಣಿದು ಕುಪ್ಪಳಿಸಿ ಓದಿದ್ದ. ಸ್ವಲ್ಪ ಹೆಚ್ಚೇ ಚೆನ್ನಾಗಿ ಓದಿದ್ದ.

"ಪಂಪವ್ವ, ಅದು ಚಿತ್ರದ ಕರಡಿ," ಎಂದ.

"ಚಿತ್ರದ್ದಾದ್ರ ನನಗೇನು, ನನ್ನ ಮೊಮ್ಮಗಳು ಖರೇದನ್ನ ಕರಿಯಾಕ ಹೋಗ್ಯಾಳಲ್ಲ! ನಮ್ಮ ಯಜಮಾನರು ಒಮ್ಮೆ ಕರಡಿ ಕೈಗೆ ಸಿಕ್ಕು, ಬೆನ್ನಿನ ಗಾಯಕ್ಕ ವರ್ಷಗಟ್ಟಲೆ ಮಕ್ಕೊಂಡು ನಿದ್ದಿ ಮಾಡಲಿಲ್ಲ, ಗೊತ್ತೈತೇನು? ಆ ಕರಡಿ ತಗಿ. ಎಮ್ಮಿ ಹಾಕು. ಎಮ್ಮಿನೂ ಕರ್ರಗೇ ಇರ್ತೈತಿ."

ಈ ಗದ್ದಲಕ್ಕೆ ಕಟ್ಟೆಯ ಮೇಲಿದ್ದ ಪಾಲಣ್ಣ ಎದ್ದು ಬಂದ. ಓಣಿಯ ಹಿರಿಯ, ಯಾವ ಮಾತಿನಲ್ಲೂ ಕೊನೆಯ ಮಾತು ತನ್ನದೇ ಆಗಬೇಕೆನ್ನುವವನು. ಪುಸ್ತಕ ಇಸಿದುಕೊಂಡು ಒಂದೊಂದೇ ಹಾಳೆ ಮಗುಚಿದ. ಹುಂಜದ ಹಾಳೆ ಬಂದದ್ದೇ ತಡ, ಕೆಂಡ ಮುಟ್ಟಿದವನಂತೆ ಪುಸ್ತಕವನ್ನು ಮೇಜಿನ ಮೇಲೆ ಬಿಟ್ಟ.

"ಏನಲೇ ಇದು?"

"ಹುಂಜ, ದೊಡ್ಡಪ್ಪ."

"ಹೆಸರು ತಗೀಬ್ಯಾಡ! ನಮ್ಮ ದೇವರ ಕಟ್ಟು ಗೊತ್ತಿಲ್ಲೇನು ನಿನಗ? ನಮ್ಮ ಮನಿ ಹೊಸ್ತಿಲು ಅದು ದಾಟಂಗಿಲ್ಲ. ನಾವು ಸಾಕಂಗಿಲ್ಲ, ತಿನ್ನಂಗಿಲ್ಲ, ಮುಟ್ಟಂಗಿಲ್ಲ. ನಮ್ಮ ಹುಡುಗ್ರು ಈ ಪುಸ್ತಕ ಮನಿಗೆ ತಂದ್ರ ಏನು ಗತಿ?"

ಅದು ನಿಜವಾದ ಮಾತೇ. ಪಾಲಣ್ಣನ ಮನೆತನದಲ್ಲಿ ತಲೆತಲಾಂತರದಿಂದ ನಡೆದುಬಂದ ಕಟ್ಟು. ಶ್ರೀನಾಥ ಹುಟ್ಟಿದಾಗಿನಿಂದ ನೋಡಿದ್ದ, ಆದರೆ ಕಾಗದದ ಕೋಳಿಗೂ ಅದು ಸಲ್ಲುತ್ತದೆ ಎಂದು ಅವನಿಗೆ ಹೊಳೆದಿರಲಿಲ್ಲ. "ನವಿಲು ಮಾಡು," ಎಂದು ಪಾಲಣ್ಣನೇ ಪರಿಹಾರ ಹೇಳಿದ. "ಅದಕ್ಕೂ ಜುಟ್ಟಿರ್ತೈತಿ."

ಮೂರನೆಯವನು ಉಜ್ಜಿನಪ್ಪ. ಕುರಿ ಹೊಡೆದುಕೊಂಡು ಹೊರಟವನು ಕುರಿಗಳನ್ನು ರಸ್ತೆಯಲ್ಲೇ ಬಿಟ್ಟು, ಕಂಬಳಿ ಹೆಗಲಿಗೇರಿಸಿಕೊಂಡು ಒಳಗೆ ಬಂದ. ಕೊನೆಯ ಹಾಳೆಯಲ್ಲಿ ತೋಳವೂ ಕುರಿಮರಿಯೂ ಚೆಂಡಾಡುವುದನ್ನು ನೋಡಿ ಅವನಿಗೆ ಸಿಟ್ಟು ಬರಲಿಲ್ಲ, ನಗು ಬಂತು.

"ತೋಳ ಕುರಿಮರಿ ಜತಿ ಆಡ್ತೈತೇನೋ ಶ್ರೀನಾಥ?"

"ಕತಿಯೊಳಗ, ಮಾವ."

"ಕತಿಯೊಳಗ ಯಾಕ, ಖರೇನಾ ಆಡ್ತೈತಿ. ಒಂದ ಸಲ ಆಡ್ತೈತಿ." ಆಮೇಲೆ ಅವನ ನಗು ನಿಂತಿತು. "ಅಮಾಸಿ ಮುಂದ ನನ್ನ ಎರಡು ಮರಿ ಹಿಂಗ ಆಡಾಕ ಹೋಗ್ಯಾವ. ಇನ್ನೂ ಬಂದಿಲ್ಲ. ಅಲ್ಲಿ ನಾಯಿ ಹಾಕು. ಇಲ್ಲಾಂದ್ರ ಮೇಡಂ ಮುಂದ ನಾನಾ ಮಾತಾಡ್ತೀನಿ."

ಮೇಡಂ ಎಂಬ ಮಾತು ಕೇಳಿ ಶ್ರೀನಾಥನ ಜೀವ ಹಾರಿತು. ಇವರು ಮೂವರೂ ಅಧಿಕಾರಿಯ ಮುಂದೆ ಬಾಯಿ ತೆರೆದರೆ ಪಂಚಾಯಿತಿ, ತನಿಖೆ ಎಂದು ಕತ್ತಲಾಗುತ್ತದೆ. ಬಸ್ಸು ಹೋಗುತ್ತದೆ. ಭಾಗ್ಯ ಹೇಳಿದಂತೆ ಮಾಡುವವಳು. "ಆಗಲ್ಲ" ಎನ್ನುವುದು ಗಂಟಲಿಗೆ ಬಂತು, ಪದ್ಧತಿಯಂತೆ ಒಳಗೆ ಹೋಯಿತು.

"ಆತು, ಎಲ್ಲಾ ಮುಚ್ಚಿಬಿಡ್ತೀನಿ," ಎಂದ.

ಆದರೆ ಅವನಿಗೂ ತಲೆಯಿತ್ತು. ಸರ್ಕಾರದ ಪುಸ್ತಕಕ್ಕೆ ಪೂರ್ತಿ ಅಂಟು ಮೆತ್ತಿದರೆ ಮೇಡಂ ಬಿಡುವುದಿಲ್ಲ, ಮೆತ್ತದಿದ್ದರೆ ಊರವರು ಬಿಡುವುದಿಲ್ಲ. ಚಿತ್ರದ ಮೇಲ್ತುದಿಗೆ ಮಾತ್ರ ಚೂರು ಅಂಟು ಹಚ್ಚಿ ಕಾಗದ ಇಳಿಬಿಟ್ಟರೆ? ಊರವರು ನೋಡುವಾಗ ಮುಚ್ಚಿರುತ್ತದೆ, ಮೇಡಂ ಬರುವ ಮುಂಚೆ ಕಿತ್ತರೆ ಗುರುತೂ ಉಳಿಯುವುದಿಲ್ಲ. ತನ್ನ ಜಾಣತನಕ್ಕೆ ತಾನೇ ತಲೆದೂಗುತ್ತಾ ಅವನು ಪಕ್ಕದ ಹೋಟೆಲಿನಿಂದ ಮೈದಾಹಿಟ್ಟು ತಂದು ಅಂಟು ಕಾಯಿಸಿದ.

ಚಿತ್ರ ಬರೆಯಲು ಅವನಿಗೆ ಬಾರದು. ದನದ ಹಿಂಡಿ ಮಾರುವ ಅಂಗಡಿಯ ಕರಪತ್ರದಿಂದ ಒಂದು ಎಮ್ಮೆ ಸಿಕ್ಕಿತು. ಯಾರದೋ ಮದುವೆಯ ಲಗ್ನಪತ್ರಿಕೆಯಿಂದ ನವಿಲು ಸಿಕ್ಕಿತು. ನಾಯಿ ಸಿಕ್ಕಿದ್ದು ಹುಚ್ಚುನಾಯಿ ಕಡಿತದ ಬಗ್ಗೆ ಎಚ್ಚರಿಸುವ ಪ್ರಕಟಣೆಯಲ್ಲಿ. ಅದು ನಾಲಗೆ ಚಾಚಿ ಜೊಲ್ಲು ಸುರಿಸುತ್ತಿತ್ತು. ಇರಲಿ, ತೋಳಕ್ಕಿಂತ ವಾಸಿ ಎಂದು ಉಜ್ಜಿನಪ್ಪ ಒಪ್ಪಿದ.

ಕೆಲಸ ಮುಗಿಯಿತು. ಇನ್ನು ಮೂವರೂ ಮನೆಗೆ ಹೋದರೆ ಕಾಗದ ಕಿತ್ತುಬಿಡಬೇಕು. ಆದರೆ ಅವರು ಹೋಗಲಿಲ್ಲ. "ಮೇಡಂ ಬರ್ತಾರಂತಲ್ಲ, ನೋಡಿ ಹೋಗಾಣು," ಎಂದು ಪಾಲಣ್ಣ ಇದ್ದ ಒಂದೇ ಒಳ್ಳೆಯ ಕುರ್ಚಿಯ ಮೇಲೆ ಕೂತ. ಉಳಿದಿಬ್ಬರು ನೆಲದ ಮೇಲೆ ಕೂತರು. ಕುರಿಗಳೂ ಅಂಗಳದಲ್ಲಿ ಕೂತವು. ಶ್ರೀನಾಥ ಚಹಾ ತರಿಸಿದ, ಮಂಡಕ್ಕಿ ತರಿಸಿದ. ಉಂಡ ಮೇಲೆ ಮನುಷ್ಯ ಮನೆಗೆ ಹೋಗುತ್ತಾನೆ ಎಂದು ಅವನ ಲೆಕ್ಕ. ಉಂಡ ಮೇಲೆ ಅವರು ಗೋಡೆಗೆ ಒರಗಿದರು.

ಮಧ್ಯಾಹ್ನ ಬರಬೇಕಿದ್ದ ಜೀಪು ಹೊತ್ತು ಇಳಿಯುವಾಗ ಬಂದೇಬಿಟ್ಟಿತು.

ಶಿವಗಂಗಾ ಮೇಡಂ ಚುರುಕು ಹೆಂಗಸು. ಅಷ್ಟರಲ್ಲಿ ಬಂದು ಸೇರಿದ್ದ ಮಕ್ಕಳ ನಡುವೆ ಚಾಪೆಯ ಮೇಲೆಯೇ ಕೂತು, "ಎಲ್ಲಿ ಶ್ರೀನಾಥ್, ಪುಸ್ತಕ ಕೊಡಿ," ಎಂದರು. ಶ್ರೀನಾಥ ಪುಸ್ತಕ ಕೊಟ್ಟ. ಮೊದಲ ಹಾಳೆ ತೆರೆದ ಮೇಡಂ ಹುಬ್ಬೇರಿಸಿದರು.

"ಇದೇನಿದು? ಕಾಡಿನಲ್ಲಿ ಎಮ್ಮೆ ಚೆಂಡು ಹಿಡ್ಕೊಂಡಿದೆ?"

ಶ್ರೀನಾಥ ಬಾಗಿಲ ಹಿಂದಿನ ಚೀಲವನ್ನೊಮ್ಮೆ ನೋಡಿದ. ಅಷ್ಟರಲ್ಲಿ ಅರ್ಚನಾ ಅಜ್ಜಿಯ ತೊಡೆಯಿಂದ ಜಾರಿ ಬಂದು ಎಮ್ಮೆಯನ್ನು ಬೆರಳ ತುದಿಯಿಂದ ಎತ್ತಿದಳು.

"ಎಮ್ಮಿ ಅಲ್ರಿ! ಒಳಗ ಕರಡಿ ಅಡಗಿ ಕುಂತೈತಿ!"

ಮಕ್ಕಳೆಲ್ಲ ಕಿಲಕಿಲ ನಕ್ಕರು. ಮುಂದಿನ ಹಾಳೆಗೆ ಹತ್ತು ಕೈ ಬಂದವು. ನವಿಲು ಎತ್ತಿದರೆ ಹುಂಜ, ಹುಚ್ಚುನಾಯಿ ಎತ್ತಿದರೆ ತೋಳ. "ನಾನು ಎತ್ತತೀನಿ", "ಈಗ ನಿನ್ನ ಪಾಳಿ", "ಆಮ್ಯಾಲೆ ನನ್ನ ಪಾಳಿ" ಎಂದು ಮಕ್ಕಳು ತಾವೇ ಸರದಿ ಹಚ್ಚಿಕೊಂಡು ಎತ್ತಿ, ಇಳಿಸಿ, ಮತ್ತೆ ಎತ್ತಿದರು. ಕೂಡಿ ಆಡುವುದನ್ನು ಪುಸ್ತಕ ಹೇಳುವ ಮೊದಲೇ ಅವರು ಕಲಿತಾಗಿತ್ತು. ಪಂಪಮ್ಮ ಕೂಡ ಬಗ್ಗಿ ನೋಡಿ ಬಾಯಿಗೆ ಸೆರಗು ಹಚ್ಚಿ ನಕ್ಕಳು.

ಮೇಡಂ ಎದ್ದು ನಿಂತರು. ಶ್ರೀನಾಥ ಕಣ್ಣು ಮುಚ್ಚಿದ.

"ಅದ್ಭುತ!" ಎಂದರು ಮೇಡಂ. "ಇಷ್ಟು ದಿನ ಎಲ್ಲಿ ಅಡಗಿಸಿ ಇಟ್ಟಿದ್ರಿ ಈ ಕಲೇನ? ಯಾರ ಯೋಚನೆ ಇದು?"

"ಎಮ್ಮಿ ನಂದುರಿ," ಎಂದಳು ಪಂಪಮ್ಮ. "ನವಿಲು ಹೇಳಿದಾವ ನಾನು," ಎಂದು ಪಾಲಣ್ಣ ಕುರ್ಚಿಯಿಂದ ಅರ್ಧ ಎದ್ದ. ನಾಯಿ ತನ್ನದೆಂದು ಉಜ್ಜಿನಪ್ಪ ಎದೆ ತಟ್ಟಿಕೊಂಡ. ಬೆಳಗಿನ ಸಿಟ್ಟು ಯಾರ ಮುಖದಲ್ಲೂ ಕುರುಹಿಗೂ ಉಳಿದಿರಲಿಲ್ಲ.

ಶ್ರೀನಾಥನ ಎದೆ ಹಗುರಾಯಿತು. ಚೀಲಕ್ಕೆ ಕೈಹಾಕಿ, "ಮೇಡಂ, ಹಂಗಾದ್ರ ನಾನು ರಜೆ..." ಎನ್ನುವಷ್ಟರಲ್ಲಿ ಮೇಡಂ ಡ್ರೈವರನಿಗೆ ಕೈಸನ್ನೆ ಮಾಡಿದರು. ಜೀಪಿನಿಂದ ಪುಸ್ತಕದ ಕಟ್ಟುಗಳು ಇಳಿಯತೊಡಗಿದವು. ಕೂಡ್ಲಿಗಿಯ ಕಟ್ಟು, ಕೊಟ್ಟೂರಿನ ಕಟ್ಟು, ಹಗರಿಬೊಮ್ಮನಹಳ್ಳಿ, ಹಡಗಲಿ, ಹರಪನಹಳ್ಳಿಯ ಕಟ್ಟುಗಳು. ಇಳಿದಷ್ಟೂ ಇನ್ನೂ ಇದ್ದವು.

"ಎಲ್ಲಾ ಗ್ರಂಥಾಲಯಕ್ಕೂ ಹಂಚೋಕೆ ಹೊರಟಿದ್ದೆ. ಒಳ್ಳೇ ಟೈಮಿಗೆ ಬಂದೆ. ಇವಕ್ಕೆಲ್ಲ ಹೀಗೇ ಎಮ್ಮೆ, ನವಿಲು, ನಾಯಿ ಹಚ್ಚಿಬಿಡಿ. ರಜೆ ಆಮೇಲೆ ನೋಡೋಣ. ಈ ಹಿರಿಯರನ್ನೂ ಸಮಿತಿ ಅಂತ ಮಾಡ್ಕೊಳ್ಳಿ, ಮುಂದಿನ ಪುಸ್ತಕಾನೂ ಇವರೇ ನೋಡ್ಲಿ. ಅದರಲ್ಲಿ ಮೊಸಳೆ ಇದೆ."

"ಮೊಸಳಿ?" ಎಂದ ಉಜ್ಜಿನಪ್ಪ. "ಹಡಗಲಿ ಕಡಿ ಹೊಳಿದಂಡಿಗೆ ನಮ್ಮ ಬೀಗರು ಅದಾರ. ಕೇಳಬೇಕಾಕ್ಕೈತಿ."

ಹೊರಗೆ ಬಸ್ಸು ಬಂದು ನಿಂತು ಹಾರನ್ ಹೊಡೆಯಿತು. ಬೆಳಿಗ್ಗೆ ಶ್ರೀನಾಥನೇ ಕಂಡಕ್ಟರಿಗೆ ಫೋನು ಮಾಡಿ, ನಿಲ್ಲಿಸಪ್ಪಾ, ಇವತ್ತು ತಪ್ಪಂಗಿಲ್ಲ ಎಂದು ಬೇಡಿಕೊಂಡಿದ್ದ. "ಆಗಲ್ಲ ಮೇಡಂ" ಎನ್ನುವ ಮಾತು ಈ ಸಲ ನಾಲಗೆಯ ತುದಿಯವರೆಗೂ ಬಂತು.

"ಎಲ್ಲಿಗೂ ಹೋಗಲ್ರಿ ಅವನು," ಎಂದು ಪಾಲಣ್ಣ ಶ್ರೀನಾಥನ ಹೆಗಲ ಮೇಲೆ ಕೈಯಿಟ್ಟು ಹೇಳಿದ. "ಭಾಳ ಒಳ್ಳೇ ಹುಡುಗ."

ಬಸ್ಸು ಇನ್ನೊಂದು ಸಲ ಹಾರನ್ ಹೊಡೆದು, ಉಜ್ಜಿನಪ್ಪನ ಕುರಿಗಳನ್ನು ಬದಿಗೆ ಸರಿಸಿಕೊಂಡು ಹೋಯಿತು. ಅದರ ಹಿಂದೆಯೇ ಮೇಡಂ ಜೀಪೂ ಹೋಯಿತು.

ಸಮಿತಿ ಕೆಲಸಕ್ಕೆ ಕೂತಿತು. ಪಂಪಮ್ಮ ಅಂಟು ಕಾಯಿಸಿದಳು. ಪಾಲಣ್ಣ ಹುಂಜವನ್ನು ನೋಡಬಾರದೆಂದು ಕಣ್ಣು ಮುಚ್ಚಿಕೊಂಡು ನವಿಲು ಹಚ್ಚುತ್ತಿದ್ದುದರಿಂದ ಅವನ ನವಿಲುಗಳೆಲ್ಲ ತಲೆಕೆಳಗಾಗಿ ನಿಂತವು. ಶ್ರೀನಾಥ ಮೂಲೆಗೆ ಹೋಗಿ ಭಾಗ್ಯಳಿಗೆ ಫೋನು ಮಾಡಿ, ನಡೆದದ್ದನ್ನೆಲ್ಲ ಒಂದೂ ಬಿಡದೆ ಹೇಳಿದ.

"ಆ ಕರಡಿ ಚೆಂಡು ಕೊಡ್ತೈತೇನು?" ಎಂದು ಭಾಗ್ಯ ಕೇಳಿದಳು.

"ಹೂಂ, ಕೊಡ್ತೈತಿ. ಕೊನಿಗೆ ಎಲ್ಲರನ್ನೂ ಕರೀತೈತಿ. ಕೂಡಿ ಆಡ್ತಾವ," ಎಂದ ಶ್ರೀನಾಥ ಆಸೆಯಿಂದ.

"ಕೊನಿಗೆ ಅಲ್ಲೇನು? ಹಂಗಾದ್ರ ನಾನೂ ಕೊನಿಗೇ ಬರ್ತೀನಿ ಬಿಡ್ರಿ."

ಫೋನು ಕಟ್ಟಾಯಿತು. ಶ್ರೀನಾಥ ಅದನ್ನು ಅಂಗಿಯ ಜೇಬಿಗೆ ಹಾಕಿಕೊಂಡು, ಬಂದು ಚಾಪೆಯ ಮೇಲೆ ಕೂತು, ಒಂದು ಎಮ್ಮೆ ಕತ್ತರಿಸಿದ.

"ಯಾರದಪ್ಪ ಫೋನು?" ಕಣ್ಣು ಮುಚ್ಚಿಕೊಂಡೇ ಪಾಲಣ್ಣ ಕೇಳಿದ.

"ನಮ್ಮ ಮನಿಯಾಕಿದು, ದೊಡ್ಡಪ್ಪ."

"ಏನಂತಾಳ?"

"ಪುಸ್ತಕ ಭಾಳ ಚಲೋ ಐತಂತ."

"ನೋಡು ಮತ್ತ, ನಾನು ಹೇಳಿದ್ದಿಲ್ಲೇನು?" ಎಂದು ಪಾಲಣ್ಣ ಇನ್ನೊಂದು ನವಿಲಿಗೆ ಅಂಟು ಸವರಿದ.