ಅಡ್ಡಿಲ್ಲ ಅನ್ನೋ ಊರಲ್ಲಿ ರಿಸ್ಪ್ಲೆಂಡೆಂಟ್

ನಾನು ಬಾಯಿ ಬಿಟ್ಟಾಗಲೆಲ್ಲ ಎಂತಾದ್ರೂ ಒಂದು ಆಗೇ ಆಗತ್ತೆ. ಅದಕ್ಕೇ ಜಾಸ್ತಿ ಬಾಯಿ ಬಿಡಲ್ಲ. ಕ್ಲಾಸಲ್ಲಿ ಹಾಜರಿ ಕೂಗುವಾಗ ‘ಯೆಸ್ ಸರ್’ ಅನ್ನೋದೇ ನನ್ನ ಇಡೀ ದಿನದ ಭಾಷಣ. ಅದೂ ಎಷ್ಟೋ ಸಲ ಸರ್‌ಗೆ ಕೇಳದೆ ಆಬ್ಸೆಂಟ್ ಬಿದ್ದಿದೆ. ಈ ಕತೆನೂ ಇಲ್ಲಿವರೆಗೆ ಯಾರಿಗೂ ಪೂರ್ತಿ ಹೇಳಿಲ್ಲ. ಬರೆಯೋದಾದ್ರೆ ಪರವಾಗಿಲ್ಲ, ಯಾರೂ ಮುಖ ನೋಡ್ತಾ ಕೂರಲ್ಲ.

ನಾನು ಕೊಪ್ಪದಲ್ಲಿ ಫಸ್ಟ್ ಪಿಯುಸಿ ಓದ್ತಿದೀನಿ. ಸಂಕ್ರಾಂತಿ ಕಳೆದ ಮೇಲೆ ನಮ್ಮ ಇಂಗ್ಲಿಷ್ ಸರ್ ಒಬ್ಬೊಬ್ಬರಿಗೆ ಒಂದೊಂದು ಇಂಗ್ಲಿಷ್ ಪದ ಹಂಚಿ, ಅದನ್ನ ಊರಲ್ಲಿ ಬಳಕೆಗೆ ತನ್ನಿ ಅಂದ್ರು. ನನ್ನ ಪಕ್ಕ ಕೂರೋಳಿಗೆ ‘ಮಿಸ್ಟಿ’ ಬಂತು. ನಮ್ಮೂರಲ್ಲಿ ಆಗ ಬೆಳಿಗ್ಗೆ ಎದುರಿನ ಅಂಗಡಿ ಬೋರ್ಡೂ ಕಾಣದಷ್ಟು ಮಂಜು. ಅವಳ ಕೆಲಸ ಮಾರನೇ ದಿನವೇ ಮುಗೀತು. ನನಗೆ ಬಂದಿದ್ದು ‘ರಿಸ್ಪ್ಲೆಂಡೆಂಟ್’.

ಡಿಕ್ಷನರಿ ನೋಡಿದೆ. ಕನ್ನಡದಲ್ಲಿ ‘ದೇದೀಪ್ಯಮಾನ’ ಅಂತಿತ್ತು. ಆ ಕನ್ನಡಕ್ಕೇ ಇನ್ನೊಂದು ಡಿಕ್ಷನರಿ ಬೇಕಾಯ್ತು.

ಸರ್ ಬಿಡಿಸಿ ಹೇಳಿದ್ರು. “ಟ್ಯೂಬ್‌ಲೈಟೂ ಹೊಳಿಯತ್ತೆ. ಅದು ಬ್ರೈಟ್, ಅಷ್ಟೆ. ಇದಕ್ಕೆ ಹೊಳಪಿನ ಜೊತೆ ಒಂದು ಗತ್ತು ಬೇಕು. ಅಲಂಕಾರ ಮಾಡ್ಕೊಂಡ ಮದುಮಗಳು, ಗರಿ ಬಿಚ್ಚಿದ ನವಿಲು, ಅಂಬಾರಿ ಹೊತ್ತ ಆನೆ. ಊಟಕ್ಕೆ ಹೇಳ್ಬಾರ್ದು, ಹಾಡಿಗೆ ಹೇಳ್ಬಾರ್ದು. ಕಣ್ಣಿಗೆ ಕಾಣೋದಾಗಿರ್ಬೇಕು. ನೋಡಿದವರು ಒಂದು ಗಳಿಗೆ ಮಾಡ್ತಿದ್ದ ಕೆಲಸ ಮರೀಬೇಕು. ಅದು ರಿಸ್ಪ್ಲೆಂಡೆಂಟ್.”

ಇಷ್ಟಾಗಿದ್ರೆ ಬಾಯಿಪಾಠ ಮಾಡಿ ಬಿಡ್ತಿದ್ದೆ. ಸರ್ ಒಂದು ಷರತ್ತು ಹಾಕಿದ್ರು. ನಾವು ಹೇಳೋದು ಲೆಕ್ಕಕ್ಕಿಲ್ಲ. ನಾವು ಆ ಪದ ಊರಲ್ಲಿ ಬಿಡಬೇಕು, ಅದನ್ನ ಕೇಳಿದ ಇನ್ನೊಬ್ಬರು ತಾವಾಗೇ, ಸರಿಯಾದ ಜಾಗದಲ್ಲಿ ಬಳಸಬೇಕು. ಹೀಗೆ ಹೇಳಿ ಅಂತ ಹೇಳಿಕೊಡೋ ಹಾಗಿಲ್ಲ. ಆಗದಿದ್ದವರು ಮುಂದಿನ ತಿಂಗಳ ಮೊದಲ ಸೋಮವಾರ, ಇಡೀ ಕಾಲೇಜಿನ ಎದುರು ಸ್ಟೇಜ್ ಹತ್ತಿ, ಮೈಕ್ ಹಿಡಿದು ಆ ಪದದ ಬಗ್ಗೆ ಮಾತಾಡಬೇಕು.

ಹಾಜರಿಗೇ ದನಿ ಏಳದ ನನಗೆ ಮೈಕು! ತಮಾಷೆ ಅಂದ್ರೆ ನಮ್ಮ ಮನೆ ತುಂಬ ಮೈಕೇ. ಅಪ್ಪ ಮದುವೆ ಮುಂಜಿಗೆ ಶಾಮಿಯಾನ, ಲೈಟಿಂಗ್, ಮೈಕ್‌ಸೆಟ್ ಬಾಡಿಗೆಗೆ ಕೊಡೋದು.

ಆದ್ರೆ ನಿಜವಾದ ತೊಂದರೆ ಮೈಕಲ್ಲ, ನಮ್ಮ ಊರು. ನಮ್ಮ ಕಡೆ ಯಾರೂ ಯಾರನ್ನೂ ಎದುರಿಗೆ ಹೊಗಳಲ್ಲ. ಏನೂ ಹೇಳದೆ ಸುಮ್ಮನಿದ್ರೆ ಚೆನ್ನಾಗಿದೆ ಅಂತ ಅರ್ಥ. ತುಂಬಾ ಚೆನ್ನಾಗಿದ್ರೆ ‘ಅಡ್ಡಿಲ್ಲ’ ಅಂತಾರೆ. ಅದರ ಮೇಲೆ ಪದವೇ ಇಲ್ಲ. ಎಸ್ಸೆಸ್ಸೆಲ್ಸಿಲಿ ನಾನು ಸ್ಕೂಲಿಗೇ ಫಸ್ಟ್ ಬಂದಾಗ ಅಪ್ಪ ಮಾರ್ಕ್ಸ್ ಕಾರ್ಡ್ ಹಿಂದೆ ಮುಂದೆ ತಿರುಗಿಸಿ ನೋಡಿ ‘ಅಡ್ಡಿಲ್ಲ’ ಅಂದಿದ್ದ. ಅಮ್ಮ ಅವತ್ತು ಸಂಜೆ ಅಕ್ಕಪಕ್ಕದವರಿಗೆಲ್ಲ, “ಅವರಪ್ಪ ಏನು ಹೊಗಳಿದ್ರು ಅಂತೀರಿ!” ಅಂತ ಹೇಳ್ಕೊಂಡು ಬಂದ್ಲು.

ಇಂಥ ಊರಲ್ಲಿ ನಾನು ರಿಸ್ಪ್ಲೆಂಡೆಂಟ್ ಬಿಡಬೇಕಿತ್ತು.

ಟ್ರಯಲ್

ಮೊದಲು ಅಮ್ಮನ ಟೈಲರಿಂಗ್ ಅಂಗಡಿಯಲ್ಲೇ ಶುರು ಮಾಡೋಣ ಅಂದ್ಕೊಂಡೆ. ಅಮ್ಮ ಮದುವೆ ಬ್ಲೌಸ್ ಹೊಲಿಯೋದ್ರಲ್ಲಿ ಫೇಮಸ್ಸು. ಸದಾ ಕುತ್ತಿಗೆಗೆ ಟೇಪು, ಸೀರೆ ತುಂಬಾ ನೂಲಿನ ಚೂರು.

ಅವತ್ತು ಒಬ್ಬರು ಆಂಟಿ, ಮಗಳ ಮದುವೆಗೆ ಹೊಲಿಸಿದ ಜರಿ ಬ್ಲೌಸ್ ಟ್ರಯಲ್ ನೋಡೋಕೆ ಬಂದ್ರು. ಹಾಕ್ಕೊಂಡು ಪರದೆಯಿಂದ ಹೊರಗೆ ಬಂದ್ರು. ನಿಜವಾಗ್ಲೂ ಚೆನ್ನಾಗಿ ಕಾಣ್ತಿದ್ರು. ನಾನು ಪುಸ್ತಕ ಕೆಳಗಿಟ್ಟು, “ಆಂಟಿ, ನೀವು ರಿಸ್ಪ್ಲೆಂಡೆಂಟ್ ಆಗಿ ಕಾಣ್ತಿದೀರ” ಅಂದೆ.

ಆಂಟಿ ನಿಂತಲ್ಲೇ ನಿಂತ್ರು. “ಎಂತ ಅಂದ್ರೆ?”

“ಅಂದ್ರೆ... ತುಂಬಾ ಚೆಂದ. ಝಗಝಗ ಅಂತ. ರಾಣಿ ತರ.”

ಅವರ ಮುಖ ಸಣ್ಣಗಾಯ್ತು. ಕನ್ನಡಿ ನೋಡ್ಲಿಲ್ಲ, ಸೀದಾ ಅಮ್ಮನ ಕಡೆ ತಿರುಗಿದ್ರು.

“ಎಂತ ಆಯ್ತು ಹೇಳಿ. ಬಟ್ಟೆ ಸುಟ್ಟು ಹೋಯ್ತಾ?”

“ಅಯ್ಯೋ, ಏನೂ ಆಗಿಲ್ಲ” ಅಂದ್ಲು ಅಮ್ಮ.

“ಮತ್ತೆ ಈ ಹುಡುಗಿ ಯಾವತ್ತೂ ಮಾತೇ ಆಡಲ್ಲ, ಇವತ್ತು ಯಾಕೆ ಹೊಗಳ್ತಿದಾಳೆ? ನೇರ ಹೇಳಿ, ನಾನು ಬೇಜಾರು ಮಾಡ್ಕೊಳಲ್ಲ.”

ಅಮ್ಮ ಟೇಪನ್ನ ಒಂದು ಸಲ ಎಳೆದು, ಮೆಲ್ಲಗೆ, “ಅದೂ... ಮಗಳ ಬ್ಲೌಸಿಗೆ ಇನ್ನೂ ಕೈ ಹಾಕಿಲ್ಲ. ನಾಡಿದ್ದು ಕೊಡ್ತೀನಿ” ಅಂದ್ಲು.

ಆಂಟಿ ನನ್ನ ಕಡೆ ನೋಡಿ ತಲೆ ಅಲ್ಲಾಡಿಸಿದ್ರು. “ರಾಣಿ ಅಂದಾಗಲೇ ನಂಗೆ ಗೊತ್ತಾಯ್ತು.”

ಹಂಡೆ

ಅಮ್ಮನ ಅಂಗಡಿ ಪಕ್ಕ ಕಾಕಾನ ಪಾತ್ರೆ ಅಂಗಡಿ. ನಮ್ಮ ಸ್ವಂತ ಕಾಕಾ ಅಲ್ಲ, ಬಸ್‌ಸ್ಟ್ಯಾಂಡ್ ಹತ್ರದವರಿಗೆಲ್ಲ ಅವರು ಕಾಕಾ. ನಾನು ಹೆದರದೆ ಮಾತಾಡೋ ಕೆಲವೇ ಜನರಲ್ಲಿ ಒಬ್ರು. ಆಂಟಿ ಹೋದ ಮೇಲೆ ನನ್ನ ಕಷ್ಟ ಅವರಿಗೆ ಹೇಳಿದೆ.

“ಹಾಗೆಂದ್ರೆ ಎಂತ ಮಗಳೇ ಅದು?” ಅಂದ್ರು. ಹೇಳಿದೆ. ಮೂರ್ನಾಲ್ಕು ಸಲ ಬಾಯಲ್ಲಿ ಹಾಕ್ಕೊಂಡು ಅಗಿದು ನೋಡಿದ್ರು. “ಒಳ್ಳೆ ಪದ. ವ್ಯಾಪಾರಕ್ಕೆ ಆಗತ್ತೆ.”

ಅಷ್ಟರಲ್ಲಿ ಮೇಲಿನ ಹಳ್ಳಿಯ ಒಬ್ಬರು ಗೌಡ್ರು ಬಂದ್ರು. ಬಚ್ಚಲಿಗೆ ತಾಮ್ರದ ಹಂಡೆ ಬೇಕಿತ್ತು. ಕಾಕಾ ಮುಂದಿನ ಸಾಲಲ್ಲಿ ಉಜ್ಜಿ ಇಟ್ಟಿದ್ದ ದೊಡ್ಡ ಹಂಡೆ ಮುಟ್ಟಿ, ನನಗೆ ಕಣ್ಣು ಹೊಡೆದು, “ಇದು ನೋಡಿ ಗೌಡ್ರೆ, ರಿಸ್ಪ್ಲೆಂಡೆಂಟ್! ಅಂದ್ರೆ ಇದರ ಎದುರು ನಿಂತ್ರೆ ಕೆಲಸ ಮರೀಬೇಕು” ಅಂದ್ರು.

ಗೌಡ್ರು ಹಂಡೆ ಸುತ್ತ ಒಂದು ಸುತ್ತು ಬಂದ್ರು. “ಅಷ್ಟು ಒಳ್ಳೇದಾಗಿದ್ರೆ ಇಷ್ಟು ದಿನ ಯಾಕೆ ಇಲ್ಲೇ ಕೂತಿದೆ ಕಾಕಾ?”

ಕಾಕಾ ಹೆಗಲ ಬಟ್ಟೆ ತೆಗೆದು ಹಂಡೆನ ಇನ್ನೊಂದು ಸಲ ಒರೆಸಿದ್ರು.

“ನಿಮ್ಮ ಮನೇಲಿ ಯಾವ್ದು ಇಟ್ಕೊಂಡಿದೀರಿ?”

ಕಾಕಾ ಮೂಲೇಲಿ ಧೂಳು ಹಿಡಿದಿದ್ದ ಇನ್ನೊಂದು ಹಂಡೆ ತೋರಿಸಿದ್ರು. “ಆ ತರದ್ದು.”

“ಹೆಂಗಿದೆ?”

“ಅಡ್ಡಿಲ್ಲ.”

“ಅದನ್ನೇ ಕಟ್ಟಿ ಮಾರಾಯ್ರೆ, ಸುಮ್ಮನೆ ಎಂತಕೆ ಹೊತ್ತು ಕಳೀತೀರಿ.”

ಇದು ಲೆಕ್ಕಕ್ಕೆ ಬರಬಹುದು ಅಂತ ಸರ್ ಹತ್ರ ಹೋದೆ. “ಕಾಕಾಗೆ ನೀನೇ ಅರ್ಥ ಹೇಳಿ, ಎದುರಿಗೇ ನಿಂತಿದ್ದೆ. ಅದು ಹೇಳಿಕೊಟ್ಟ ಹಾಗೇ ಆಯ್ತು” ಅಂದ್ರು. ನಾನು ಬಾಗಿಲ ಹತ್ರ ಹೋದಾಗ ಕರೆದು, “ಅಂದಹಾಗೆ ಆ ಮೂಲೆ ಹಂಡೆ ಇನ್ನೂ ಒಂದಿದ್ಯಾ ಕೇಳು” ಅಂದ್ರು.

ಕವರ್

ಮುಂದಿನ ವಾರ ಅಮ್ಮನ ಜೊತೆ ಕೆರೆಕಟ್ಟೆಗೆ ಹೊರಟೆ. ಅಲ್ಲಿ ನಮ್ಮ ಅತ್ತೆ ಮನೆ. ಅತ್ತೆ ಮಗಳಿಗೆ ನರಸಿಂಹರಾಜಪುರದ ಹುಡುಗನ ಜೊತೆ ಮದುವೆ ಗೊತ್ತಾಗಿತ್ತು, ಅವಳ ಬ್ಲೌಸ್ ಅಳತೆ ತಗೋಬೇಕಿತ್ತು. ಶೃಂಗೇರಿಯಲ್ಲಿ ಬಸ್ ಬದಲಿಸಿದ್ವಿ. ಆ ಕಡೆಗೆ ಬಸ್ಸು ಕಮ್ಮಿ, ಬಂದಿದ್ದಕ್ಕೆ ಊರೆಲ್ಲ ಹತ್ತತ್ತೆ.

ನೆಮ್ಮಾರ್ ದಾಟಿದ ಮೇಲೆ ತಿರುವು ಜಾಸ್ತಿ. ನಾನು ಕಿಟಕಿ ಪಕ್ಕ ಪುಸ್ತಕ ಓದ್ತಾ ಕೂತಿದ್ದೆ. ತಲೆ ಎತ್ತಿದ್ರೆ ರಸ್ತೆ ಬದಿಯ ಕಲ್ಲಿನ ಮೇಲೆ ನವಿಲು. ಈಗೀಗ ನಮ್ಮ ಕಡೆಗೂ ಬರ್ತಿದಾವೆ, ಆದ್ರೆ ಗರಿ ಬಿಚ್ಚಿ ನಿಂತಿದ್ದನ್ನ ನಾನು ನೋಡಿರ್ಲಿಲ್ಲ. ಬಿಸಿಲು ಬಿದ್ದು ಪೂರ್ತಿ ಮಿಂಚ್ತಾ ಇತ್ತು. ಯಾರು ಹೇಳಿಸಿದ್ರೋ ಗೊತ್ತಿಲ್ಲ, ಕಿಟಕಿಯಿಂದ ಕತ್ತು ಹೊರಗೆ ಹಾಕಿ ಬಸ್ಸಿಗೆಲ್ಲ ಕೇಳೋ ಹಾಗೆ, “ರಿಸ್ಪ್ಲೆಂಡೆಂಟ್!” ಅಂತ ಕೂಗಿಬಿಟ್ಟೆ.

ಆ ರೂಟಲ್ಲಿ ಯಾರಾದ್ರೂ ಒಮ್ಮೆಲೇ ಕಿಟಕಿಗೆ ಕತ್ತು ಹಾಕಿ ಸದ್ದು ಮಾಡಿದ್ರೆ ಅದಕ್ಕೆ ಒಂದೇ ಅರ್ಥ. ಕಂಡಕ್ಟರ್ ಹಿಂದಿನಿಂದ, “ಕವರ್! ಕವರ್ ಕೊಡ್ರೋ ಆ ಹುಡುಗಿಗೆ!” ಅಂತ ಓಡಿ ಬಂದ್ರು. ಮುಂದಿನ ಸೀಟಿನ ಅಜ್ಜಿ ಚೀಲದಿಂದ ನಿಂಬೆಹಣ್ಣು ತೆಗೆದು ನನ್ನ ಮೂಗಿಗೇ ಒತ್ತಿದ್ರು. ಹಿಂದಿನವರು ಕಾಲು ಮೇಲೆ ಎತ್ಕೊಂಡ್ರು. ಡ್ರೈವರ್ ಬ್ರೇಕ್ ಹಾಕಿ, “ಬೇಗ ಇಳಿಸಿ, ಮೊನ್ನೆ ತೊಳೆದ ಬಸ್ಸು” ಅಂದ್ರು. ಬ್ರೇಕಿನ ಸದ್ದಿಗೆ ನವಿಲು ಹಾರಿ ಹೋಯ್ತು.

“ಬಸ್ಸಲ್ಲಿ ಪುಸ್ತಕ ಓದ್ಬೇಡ ಅಂದ್ರೆ ಕೇಳಲ್ಲ ಇದು” ಅಂದ್ಲು ಅಮ್ಮ ಎಲ್ಲರಿಗೂ.

ಇಲ್ಲ, ನವಿಲು ನೋಡಿ ಕೂಗಿದ್ದು ಅಂತ ಹೇಳ್ಬಹುದಿತ್ತು. ಬಸ್ಸು ಪೂರ್ತಿ ನನ್ನನ್ನೇ ನೋಡ್ತಿತ್ತು. ಅಷ್ಟು ಜನರ ಎದುರು ವಿವರಿಸೋದಕ್ಕಿಂತ ಇದೇ ಸುಲಭ ಅನ್ನಿಸ್ತು. ಕವರ್ ಬಾಯಿಗೆ ಹಿಡ್ಕೊಂಡು ಕೆರೆಕಟ್ಟೆವರೆಗೂ ಕೂತಿದ್ದೆ. ಇಳಿಯುವಾಗ ಕಂಡಕ್ಟರ್, ಖಾಲಿ ಕವರ್ ನೋಡಿ, “ತಡ್ಕೊಂಡ್ಯಲ್ಲ, ಅಡ್ಡಿಲ್ಲ ಹುಡುಗಿ” ಅಂದ್ರು.

ಮೈಕ್

ಸೋಮವಾರ ಹತ್ರ ಬಂತು. ಮಿಸ್ಟಿ ಸಿಕ್ಕವಳು, “ಸ್ಟೇಜಿಗೆ ಯಾವ ಡ್ರೆಸ್ ಹಾಕ್ತೀಯ?” ಅಂತ ಕೇಳೋಕೆ ಶುರು ಮಾಡಿದ್ಲು. ನಾನು ಮನೇಲಿ ಸರ್ ಹೇಳಿದ ಅರ್ಥವನ್ನ ಜೋರಾಗಿ ಓದಿ ಓದಿ ಪ್ರಾಕ್ಟೀಸ್ ಮಾಡ್ತಿದ್ದೆ. ಅಲಂಕಾರ, ನವಿಲು, ಆನೆ, ನೋಡಿದವರು ಕೆಲಸ ಮರೀಬೇಕು. ಅಪ್ಪ ಪಕ್ಕದಲ್ಲೇ ಕೂತು ಮೈಕಿನ ವೈರ್ ಬೆಸುಗೆ ಹಾಕ್ತಿದ್ದ. ಒಂದು ಸಲವೂ ತಲೆ ಎತ್ತಲಿಲ್ಲ. ಅಪ್ಪನಿಗೆ ಕೆಲಸದ ಮೇಲೆ ಅಷ್ಟು ಗಮನ. ಟೆಸ್ಟಿಂಗ್ ಮುಗಿದ ತಕ್ಷಣ ಮೈಕ್ ಆಫ್ ಮಾಡ್ಬೇಕು ಅನ್ನೋದು ಅವನ ನಿಯಮ. ಒಂದು ದಿನ ಮರೆತಿದ್ದಕ್ಕೆ ಕೆಲಸದವನಿಗೆ ಒಂದು ವಾರ ಬೈದಿದ್ದ.

ಅತ್ತೆ ಮಗಳ ಮದುವೆ ಭಾನುವಾರ, ನರಸಿಂಹರಾಜಪುರದ ಛತ್ರದಲ್ಲಿ. ಮೈಕ್‌ಸೆಟ್ ಅಪ್ಪನದ್ದೇ. ಅಪ್ಪ ಮೇಲೆ ಸ್ಟೇಜಲ್ಲಿ ವೈರ್ ಎಳೀತಿದ್ದ. ಅಮ್ಮ ಮದುಮಗಳಿಗೆ ಅಲಂಕಾರ ಮಾಡೋ ಕೋಣೇಲಿದ್ಲು. ನಾನು ಕೆಳಗೆ ಊಟದ ಹಾಲಲ್ಲಿ ತಿಂಡಿಗೆ ಕೂತಿದ್ದೆ, ಒಂದು ಕಡೆ ಅತ್ತೆ, ಎದುರು ಸಾಲಲ್ಲಿ ಗಂಡಿನ ಕಡೆಯ ಒಬ್ಬರು ಅಜ್ಜ. ಎಲೆಗೆ ಇಡ್ಲಿ ಬಿದ್ದಿತ್ತು, ಕೇಸರಿಬಾತ್ ಬರ್ತಾ ಇತ್ತು. ನನ್ನ ತಲೆಯಲ್ಲಿ ನಾಳೆ ಸ್ಟೇಜು ಮಾತ್ರ.

ಗೋಡೆ ಮೇಲಿನ ಸ್ಪೀಕರ್‌ನಿಂದ ಅಪ್ಪನ ದನಿ ಬಂತು. “ಹಲೋ. ಹಲೋ. ಮೈಕ್ ಟೆಸ್ಟಿಂಗ್.” ಯಾರೂ ತಲೆ ಎತ್ತಲಿಲ್ಲ. ಸ್ಟೇಜಿನ ಸ್ಪೀಕರಿಗೆ ಅಪ್ಪ ಇನ್ನೂ ವೈರ್ ಕೊಟ್ಟಿರ್ಲಿಲ್ಲ, ನಮ್ಮ ಹಾಲಿಂದು ಮಾತ್ರ ಕನೆಕ್ಟ್ ಆಗಿತ್ತು ಅಂತ ಆಮೇಲೆ ಗೊತ್ತಾಯ್ತು.

ಬಳೆ ಸದ್ದು ಕೇಳ್ತು. ಆಮೇಲೆ ಅಮ್ಮನ ದನಿ. “ಹೆಂಗಿದೆ ರೀ?”

ನನಗೆ ಗೊತ್ತು. ಅಮ್ಮ ಪ್ರತಿ ಮದುವೆಗೂ ಎಲ್ಲರ ಬ್ಲೌಸ್ ಮುಗಿಸಿ, ಕೊನೆಗೆ ತನ್ನದು ಹಾಕ್ಕೊಂಡು ಬಂದು ಈ ಪ್ರಶ್ನೆ ಕೇಳ್ತಾಳೆ. ಅಪ್ಪ ತಿರುಗಿ ನೋಡದೆ ‘ಅಡ್ಡಿಲ್ಲ’ ಅಂತಾನೆ. ಇವತ್ತೂ ಅಷ್ಟೇ ಅಂತ ಇಡ್ಲಿ ಮುರಿದೆ.

ಸ್ಪೀಕರ್ ಸುಮ್ಮನಿತ್ತು. ಸ್ವಲ್ಪ ಜಾಸ್ತಿಯೇ ಸುಮ್ಮನಿತ್ತು.

“ನೀನು ಇವತ್ತು...” ಅಂದ ಅಪ್ಪ. ಗಂಟಲು ಸರಿ ಮಾಡ್ಕೊಂಡ. ಅದೂ ಹಾಲಿಗೆಲ್ಲ ಕೇಳ್ತು. “ಎಂತ ಅದು, ಕೂಸು ಓದ್ತಿತ್ತಲ್ಲ... ರಿಸ್ಪ್ಲೆಂಡೆಂಟ್. ರಿಸ್ಪ್ಲೆಂಡೆಂಟ್ ಆಗಿದ್ದೀಯ ಮಾರಾಯ್ತಿ.”

ಕೇಸರಿಬಾತ್ ಬಡಿಸ್ತಿದ್ದವರು ಸೌಟು ಎತ್ಕೊಂಡೇ ನಿಂತ್ರು. ಅತ್ತೆ ಬಾಯಲ್ಲಿದ್ದ ಇಡ್ಲಿ ಹಾಗೇ ಇತ್ತು. ಸಾಲು ಸಾಲು ಜನ ಸ್ಪೀಕರ್ ಕಡೆ ಕತ್ತೆತ್ತಿ ಅಮ್ಮ ಎಂತ ಹೇಳ್ತಾಳೆ ಅಂತ ಕಾಯ್ತಿದ್ರು.

ಅಮ್ಮ ಅಂದ್ಲು, “ಎಂತ ಬೇಕಿತ್ತು ನಿಮಗೆ? ನೇರ ಹೇಳಿ.”

“ಏನೂ ಬೇಡ ಕಣೆ. ಚೆಂದ ಕಾಣ್ತೀಯ, ಅಷ್ಟೆ.”

“ಸುಳ್ಳು. ಯಾರಿಗೋ ಮತ್ತೆ ಸೆಟ್ ಪುಕ್ಕಟೆ ಕೊಟ್ರಾ?”

ಅಷ್ಟರಲ್ಲಿ ಯಾರೋ ಮೇಲೆ ಓಡಿ ಹೋದ ಸದ್ದು. ‘ಟಕ್’ ಅಂತ ಸ್ಪೀಕರ್ ಬಂದ್ ಆಯ್ತು.

ಹಾಲಲ್ಲಿ ಎಲ್ಲರ ಕಣ್ಣೂ ಇನ್ನೂ ಸ್ಪೀಕರ್ ಮೇಲೇ. ಎದುರಿದ್ದ ಅಜ್ಜ ಮಾತ್ರ ಇಡ್ಲಿನ ಚಟ್ನಿಯಲ್ಲಿ ಅದ್ದಿ, ನಿಧಾನಕ್ಕೆ ನುಂಗಿ, ಪಕ್ಕದವರಿಗೆ ಹೇಳಿದ್ರು, “ಮೈಕ್‌ಸೆಟ್ ಅಡ್ಡಿಲ್ಲ ಮಾರಾಯ. ಒಂದೊಂದು ಅಕ್ಷರ ಕೇಳತ್ತೆ.”

ಆಮೇಲೆ ಎದ್ದ ನಗುವಿಗೆ ಮದುಮಗಳೇ ಎಂತಾಯ್ತು ಅಂತ ಇಣುಕಿದ್ಲು. ನಾನು ತಿಂಡಿ ಬಿಟ್ಟು ಮೇಲೆ ಓಡಿದೆ. ಅಪ್ಪ ಸ್ಪೀಕರ್ ಬಾಕ್ಸ್ ಹಿಂದೆ ಕೂತು, ಸರಿಯಾಗೇ ಇದ್ದ ವೈರ್ ಬಿಚ್ಚಿ ಮತ್ತೆ ಕಟ್ತಿದ್ದ. ಅಮ್ಮ ಅಲ್ಲೇ ನಿಂತಿದ್ಲು. ನೇರಳೆ ರೇಷ್ಮೆ, ಕುತ್ತಿಗೇಲಿ ಟೇಪಿನ ಬದಲು ಸರ. ಮುಖ ಬೇರೆ ಕಡೆ ಇತ್ತು, ಆದ್ರೆ ನಗ್ತಿದ್ದಿದ್ದು ಕಿವಿ ನೋಡಿದ್ರೇ ಗೊತ್ತಾಗ್ತಿತ್ತು.

ಸೋಮವಾರ ಬೆಳಿಗ್ಗೆ ಸ್ಟಾಫ್ ರೂಮಿಗೆ ಹೋಗಿ ನೆಲ ನೋಡ್ತಾ ಎಲ್ಲ ಹೇಳಿದೆ.

“ಹೇಳಿಕೊಟ್ಟಿದ್ಯಾ?” ಅಂದ್ರು ಸರ್.

“ಇಲ್ಲ ಸರ್.”

“ಸಾಕ್ಷಿ ಯಾರು?”

“ಊಟದ ಹಾಲಲ್ಲಿದ್ದವರೆಲ್ಲ, ಸರ್.”

“ಸರಿಯಾದ ಜಾಗದಲ್ಲೇ ಬಳಸಿದ್ರು ಅಂತ ಹೆಂಗೆ ಹೇಳ್ತೀಯ?”

“ಮೈಕ್ ಆಫ್ ಮಾಡೋದು ಮರೆತ, ಸರ್. ಅಪ್ಪ ಯಾವತ್ತೂ ಮರೆಯಲ್ಲ.”

ಸರ್ ಪಟ್ಟಿ ತೆಗೆದು ನನ್ನ ಹೆಸರಿನ ಮುಂದೆ ಟಿಕ್ ಹಾಕಿದ್ರು. “ಹಾಗಾದ್ರೆ ಸರಿಯಾದ ಜಾಗವೇ. ಕ್ಲಾಸಿಗೆ ಹೋಗು.”

ನಾನು ಮೈಕ್ ತಪ್ಪಿಸ್ಕೊಂಡೆ, ಅಪ್ಪ ಸಿಕ್ಕಿಬಿದ್ದ.

ಮೊನ್ನೆ ಒಂದು ಗೃಹಪ್ರವೇಶಕ್ಕೆ ಹೊರಟಿದ್ವಿ. ಅಮ್ಮ ಸೀರೆ ಉಟ್ಟು ಬಾಗಿಲಲ್ಲಿ ನಿಂತು, “ಹೆಂಗಿದೆ ರೀ?” ಅಂದ್ಲು. ಅಪ್ಪ ಈ ಸಲ ತಿರುಗಿ ನೋಡಿದ. ಆಮೇಲೆ ಜಗಲಿ ಮೇಲಿದ್ದ ಮೈಕ್‌ಗಳನ್ನೆಲ್ಲ ಒಂದೊಂದಾಗಿ ನೋಡಿದ. ವೈರ್ ಕೂಡ ಹಾಕಿರದ ಮೈಕ್‌ಗಳು.

“ಕೂಸೇ, ಎಲ್ಲ ಆಫ್ ಇದೆಯಾ ನೋಡು.”

“ಇದೆ ಅಪ್ಪ.”

ಅಪ್ಪ ಅಮ್ಮನ ಹತ್ರ ಹೋಗಿ, ಕಿವೀಲಿ ಹೇಳಿದ.

“ಅಡ್ಡಿಲ್ಲ.”