ಟ್ರಂಪೆಟ್ ಊದುವವರೆಗೆ ಕೇಳಿಸಿಕೊಳ್ಳದ ಮ್ಯಾನೇಜರ್ ಸಾಹೇಬರಿಗೆ

ಮಾನ್ಯ ಮ್ಯಾನೇಜರ್ ಸಾಹೇಬರೇ,

ಕುಷ್ಟಗಿಯ ಬ್ಯಾಂಡ್ ಕಂಪನಿಯ ಮಾಲೀಕ ಯಮನೂರಸಾಬನು ಡ್ರಮ್ಮಿನ ಕೋಲು ಕೆಳಗಿಟ್ಟು, ಎರಡೂ ಕೈ ಜೋಡಿಸಿ ತಮಗೆ ಸಲ್ಲಿಸುವ ಸಲಾಮುಗಳು. ಊರವರೂ ಓದಲೆಂದು ಇದನ್ನು ಚಹಾದಂಗಡಿಯ ಗೋಡೆಗೆ ಅಂಟಿಸಿದ್ದೇನೆ, ಕ್ಷಮೆ ಇರಲಿ.

ವಾದ್ಯಗಳನ್ನೇ ಒತ್ತೆ ಬರೆದುಕೊಟ್ಟು ನಾನು ತಮ್ಮ ಬ್ಯಾಂಕಿನಲ್ಲಿ ಸಾಲ ಪಡೆದದ್ದು, ಮದುವೆಯವರೆಲ್ಲ ಡಿಜೆ ಹಿಂದೆ ಹೋದ ಮೇಲೆ ಕಂತು ತಪ್ಪಿದ್ದು, ಬಡ್ಡಿ ಇಳಿಸಿ ಸ್ವಲ್ಪ ಕಾಲಾವಕಾಶ ಕೊಡಿರೆಂದು ಅರ್ಜಿ ಹಾಕಿದ್ದು ತಮಗೆ ನೆನಪಿರಲಿಕ್ಕಿಲ್ಲ. ವಿಚಾರಿಸಲು ಬಂದಾಗಲೆಲ್ಲ ಜವಾನ ತಾಹೇರ, "ಸಾಹೇಬ್ರು ಮೀಟಿಂಗ್‌ನ್ಯಾಗ ಅದಾರ್ರೀ, ನಾಳಿ ಬರ್ರಿ" ಎನ್ನುತ್ತಿದ್ದ. ಇಷ್ಟೊಂದು ಮೀಟಿಂಗುಗಳನ್ನು ಒಬ್ಬರೇ ಕೂತು ನಡೆಸುವ ತಮ್ಮ ಶಕ್ತಿಗೆ ನಾನು ಬೆರಗಾಗಿದ್ದೆ. ವಾದ್ಯ ಜಪ್ತಿಯ ನೋಟಿಸು ಮಾತ್ರ ಚೂರೂ ತಡವಿಲ್ಲದೆ ಮನೆಗೇ ಬಂತು. ಮನೆಯಾಕೆ ಡ್ರಮ್ಮನ್ನು ಅಕ್ಕಿ ಚೀಲದ ಹಿಂದೆ ಅಡಗಿಸಿ ಅತ್ತಳು. ನಮ್ಮ ಟ್ರಂಪೆಟ್ ದುರಗಪ್ಪ, "ಇದನ್ನೂ ಒಯ್ದರ ಬರೇ ಬಾಯಿಲೇ ಊದಬೇಕೇನು ಮಾಮಾ?" ಎಂದಾಗ ನಾನು ನೋಟಿಸನ್ನು ಜೇಬಿಗಿಟ್ಟು ಮನೆಯಿಂದ ಹೊರಬಿದ್ದೆ.

ಉತ್ತರ ಇದ್ದದ್ದು ವಕೀಲೆ ಭವಾನಿ ಮೇಡಂ ಬಳಿ. "ನಿನ್ನ ಅರ್ಜಿಗೆ ಬ್ಯಾಂಕಿನವ್ರು ಕೊಡ್ತೀವಿ ಅನ್ಲಿ, ಇಲ್ಲಾ ಕೊಡಂಗಿಲ್ಲ ಅನ್ಲಿ. ಸುಮ್ನ ಕುಂದ್ರಾಕ ಬರಂಗಿಲ್ಲ ಯಮನೂರಣ್ಣ" ಎಂದವರೇ ಅರ್ಜಿಗೆ ಉತ್ತರ ಕೊಡಿಸಿರೆಂದು ಧಾರವಾಡದ ಹೈಕೋರ್ಟ್ ಪೀಠದಲ್ಲಿ ರಿಟ್ ಹಾಕಿದರು. ನ್ಯಾಯಮೂರ್ತಿಗಳು ಸಾಲವನ್ನೇನೂ ಮನ್ನಾ ಮಾಡಲಿಲ್ಲ; ಈತನನ್ನು ಕರೆದು ಕೇಳಿ, ಹೌದೋ ಅಲ್ಲವೋ ಹೇಳಿ, ಅಲ್ಲಿಯವರೆಗೆ ವಾದ್ಯ ಮುಟ್ಟಬೇಡಿ ಎಂದರು, ಅಷ್ಟೇ.

ಕೋರ್ಟೇ 'ಕೇಳಿ' ಎಂದ ಮೇಲೆ ಒಬ್ಬನೇ ಬಂದರೆ ಅಗೌರವವೆಂದು ನಾನು ಇಡೀ ಬ್ಯಾಂಡನ್ನು ವಾದ್ಯ ಸಮೇತ ಬ್ಯಾಂಕಿಗೆ ಕರೆತಂದೆ. ತಾವು ಕನ್ನಡಕದ ಮೇಲಿಂದ ನೋಡಿ, "ವಾದ್ಯ ಚಾಲೂ ಅದಾವೋ, ಗುಜರಿ ಆಗ್ಯಾವೋ?" ಎಂದಿರಿ. ದುರಗಪ್ಪ ಸರಳ ಮನುಷ್ಯ. ಊದಿಯೇ ಉತ್ತರ ಹೇಳಿದ. ಆಮೇಲೆ ನಮ್ಮ ಕೈಗಳೂ ಸುಮ್ಮನಿರಲಿಲ್ಲ. ಕ್ಯಾಶ್ ಕೌಂಟರಿನ ಸಾಲು ಮೆರವಣಿಗೆಯಾಯಿತು, ಪಿಂಚಣಿಗೆ ಬಂದಿದ್ದ ಮಾರೆಮ್ಮಜ್ಜಿ ಸೊಂಟಕ್ಕೆ ಸೆರಗು ಬಿಗಿದು ಕುಣಿದಳು, ತಾಹೇರನೂ ಕುಣಿದ. ತಾವು ಕಿವಿ ಮುಚ್ಚಿಕೊಂಡು, "ಸಾಕ್ರೀ ಮಾರಾಯ್ರ! ಬಡ್ಡಿ ಇಳಿಸೇನಿ, ಟೈಮೂ ಕೊಟ್ಟೇನಿ!" ಎಂದು ಕೂಗಿ ಅಲ್ಲೇ ಸಹಿ ಹಾಕಿದಿರಿ. ಮೇಜಿನ ಕೆಳಗೆ ತಮ್ಮ ಎಡಗಾಲು ತಾಳ ಹಾಕುತ್ತಿದ್ದುದನ್ನು ನಾನು ಯಾರಿಗೂ ಹೇಳಿಲ್ಲ, ಈ ಗೋಡೆಯೊಂದನ್ನು ಬಿಟ್ಟು.

ಇನ್ನೊಂದೇ ಕೋರಿಕೆ. ತಮ್ಮ ಮೇಜಿನ ಬಲಕ್ಕೆ ಒಂದು ಖಾಯಂ ಟ್ರಂಪೆಟ್ ಹುದ್ದೆ ಮಂಜೂರು ಮಾಡಿ, ಯಾರದೇ ಅರ್ಜಿ ಬಂದರೂ ದುರಗಪ್ಪನಿಂದ ಊದಿಸಬೇಕು. ಏಕೆಂದರೆ ಧಾರವಾಡದ ಬಸ್ಸು ಹತ್ತಲು ಎಲ್ಲರಿಂದಲೂ ಆಗುವುದಿಲ್ಲ.

ತಮ್ಮ ಕಿವಿಗಳ ಕ್ಷೇಮವನ್ನೇ ಬಯಸುವ
ತಮ್ಮ ವಿಶ್ವಾಸಿ,
ಯಮನೂರಸಾಬ

ತಾ.ಕ.: ತಮ್ಮ ಮಗಳ ಮದುವೆಗೆ ಅರ್ಧ ದರದಲ್ಲಿ ಬ್ಯಾಂಡ್ ಸಿಗಬಹುದೇ ಎಂದು ನಿನ್ನೆ ಸಂಜೆ ತಾವು ಹೇಳಿ ಕಳಿಸಿದ್ದಿರಿ. ಆಗಲಿ, ಒಪ್ಪಿದ್ದೇನೆ. ಕೇಳಿದವರಿಗೆ ಮರುದಿನವೇ ಉತ್ತರ ಕೊಡಬಹುದು ಸಾಹೇಬರೇ; ನಾನು ಕೊಟ್ಟು ನೋಡಿದೆ, ಏನೂ ಆಗಲಿಲ್ಲ.